ಸಂಭವನೀಯತೆಯನ್ನು ಬದಲಿಸುವ ಯಂತ್ರಕ್ಕೆ ಮಿತಿ ಎಲ್ಲಿಂದ ಬರಬೇಕು?

ನಿಮ್ಮ ಕಾದಂಬರಿಯಲ್ಲಿ ಘಟನೆಗಳ ಸಂಭವನೀಯತೆಯನ್ನೇ ಹೆಚ್ಚುಕಡಿಮೆ ಮಾಡುವ ಯಂತ್ರವೊಂದಿದೆ, ಬೇಕಾದ ಫಲಿತಾಂಶವನ್ನು ನಮೂದಿಸಿದರೆ ಅದು ನಡೆದೇ ತೀರುತ್ತದೆ, ಹೀಗಾದರೆ ಮೂರನೆಯ ಅಧ್ಯಾಯಕ್ಕೇ ಕಥೆ ಮುಗಿದುಹೋಗುತ್ತದೆ, ಆದ್ದರಿಂದ ಓದುಗರು ಒಪ್ಪುವಂಥ ಮಿತಿ ಯಾವುದು ಎಂದು ನೀವು ಕೇಳಿದ್ದೀರಿ. ಅತಿ ವಿರಳ ಘಟನೆಗಳನ್ನು ಕಂಪ್ಯೂಟರಿನಲ್ಲಿ ಸಿಮ್ಯುಲೇಟ್ ಮಾಡುವುದು ನನ್ನ ದಿನನಿತ್ಯದ ಕೆಲಸ. ಅಲ್ಲಿ ಇಂಥದೇ ಯಂತ್ರದ ಒಂದು ಸಣ್ಣ ರೂಪವನ್ನು ನಾನು ಬಳಸುತ್ತಲೇ ಇರುವುದರಿಂದ ಸ್ವಲ್ಪ ವಿವರವಾಗಿಯೇ ಉತ್ತರಿಸುತ್ತೇನೆ.

ನೀವು ಸೂಚಿಸಿರುವ ಮೊದಲ ಮಿತಿ ಶಕ್ತಿಯ ಖರ್ಚು, ಅಂದರೆ ಘಟನೆ ಎಷ್ಟು ವಿರಳವೋ ಅಷ್ಟು ವಿದ್ಯುತ್ ಬೇಕು ಎಂಬುದು. ಇದು ಕೆಲಸಕ್ಕೆ ಬಾರದು ಎಂದೇ ನನ್ನ ಅಭಿಪ್ರಾಯ. 50 ಘನ ಮೀಟರಿನ ಒಂದು ಕೋಣೆಯ ಗಾಳಿಯೆಲ್ಲ ತಾನಾಗಿಯೇ ಒಂದು ಅರ್ಧಕ್ಕೆ ಸರಿದು ಇನ್ನೊಂದು ಅರ್ಧ ಬರಿದಾಗುವ ಸಂಭವನೀಯತೆಯನ್ನು ಬರೆಯಲು ಹೊರಟರೆ ದಶಮಾಂಶ ಬಿಂದುವಿನ ನಂತರದ ಸೊನ್ನೆಗಳನ್ನೇ ಯಾರೂ ಬರೆದು ಮುಗಿಸಲಾರರು. ಆದರೆ ಉಷ್ಣಬಲವಿಜ್ಞಾನದ ಪ್ರಕಾರ ಅಷ್ಟೇ ಗಾಳಿಯನ್ನು, ತಾಪ ಏರದಂತೆ, ನಿಧಾನವಾಗಿ ಅರ್ಧ ಗಾತ್ರಕ್ಕೆ ಒತ್ತಲು ಬೇಕಾಗುವ ಕನಿಷ್ಠ ಶಕ್ತಿ ಸುಮಾರು 35 ಲಕ್ಷ ಜೂಲ್, ಅಂದರೆ ಹತ್ತಿರ ಹತ್ತಿರ ಒಂದು ಯೂನಿಟ್ ವಿದ್ಯುತ್. ವಿರಳತೆ ಈ ಲೆಕ್ಕದೊಳಗೆ ಬರುವುದು ಲಾಗರಿದಮ್ ಆಗಿ, ಅಂದರೆ ಘಟನೆ ಎರಡು ಪಟ್ಟು ವಿರಳವಾದಾಗಲೆಲ್ಲ ಲೆಕ್ಕ ಒಂದೇ ಒಂದು ಬಿಟ್ಟಿನಷ್ಟು ಏರುತ್ತದೆ. ಹತ್ತು ಲಕ್ಷದಲ್ಲಿ ಒಂದು ಎಂಬ ಘಟನೆಯೂ ಕೇವಲ 20 ಬಿಟ್ ಮಾಹಿತಿಗೆ ಸಮ. ಒಂದು ಬಿಟ್ ಅಳಿಸಲು ತಗಲುವ ಕನಿಷ್ಠ ಶಕ್ತಿ ಎಷ್ಟೆಂದು ಭೌತವಿಜ್ಞಾನಿ ರಾಲ್ಫ್ ಲ್ಯಾಂಡೌರ್ 1961ರಲ್ಲಿ ತೋರಿಸಿದ್ದರು. ಆ ದರದಲ್ಲಿ 20 ಬಿಟ್‌ಗಳ ಖರ್ಚು ಲೆಕ್ಕಕ್ಕೇ ಸಿಗದಷ್ಟು ಅಲ್ಪ. ಒಬ್ಬರ ಅದೃಷ್ಟ ಹೆಚ್ಚಿದರೆ ಇನ್ನೆಲ್ಲೋ ಒಬ್ಬರಿಗೆ ದುರದೃಷ್ಟ ಬರುತ್ತದೆ ಎಂಬ ನಿಮ್ಮ ಎರಡನೆಯ ಸಲಹೆಯೂ ನನಗೆ ಒಪ್ಪಿಗೆಯಿಲ್ಲ. ಎಲ್ಲ ಸಾಧ್ಯತೆಗಳ ಮೊತ್ತ 1 ಆಗಿರಬೇಕು ಎಂಬುದು ನಿಜ, ಆದರೆ ಅದು ಒಂದೇ ಪ್ರಯೋಗದ ಫಲಿತಾಂಶಗಳ ನಡುವಿನ ನಿಯಮ. ಸಂಭವನೀಯತೆ ಒಂದು ಉಗ್ರಾಣದಿಂದ ಇನ್ನೊಂದಕ್ಕೆ ಸಾಗಿಸುವ ಸರಕಲ್ಲ.

ನಿಜವಾದ ಮಿತಿ ಬೇರೆ ಕಡೆ ಇದೆ, ಅದು ಗಣಿತದಿಂದಲೇ ಬರುತ್ತದೆ. ವಿರಳ ಘಟನೆ ನಡೆದಾಗ, ಅದು ನಡೆಯಲು ಇರುವ ಎಲ್ಲ ವಿರಳ ದಾರಿಗಳ ಪೈಕಿ ಅತ್ಯಂತ ಕಡಿಮೆ ವಿರಳವಾದ ದಾರಿಯಲ್ಲೇ ನಡೆಯುತ್ತದೆ. ಲಾರ್ಜ್ ಡೀವಿಯೇಶನ್ ಸಿದ್ಧಾಂತದ ತಿರುಳು ಇದೇ. ಆ ಸಿದ್ಧಾಂತಕ್ಕೆ ಏಕೀಕೃತ ರೂಪ ಕೊಟ್ಟ ಗಣಿತಜ್ಞ ಎಸ್. ಆರ್. ಶ್ರೀನಿವಾಸ ವರದನ್ ಅವರಿಗೆ 2007ರಲ್ಲಿ ಗಣಿತದ ದೊಡ್ಡ ಗೌರವವಾದ ಆಬೆಲ್ ಪ್ರಶಸ್ತಿ ಬಂತು. ನಾನು ಈ ಕೆಲಸ ಕಲಿಯುತ್ತಿದ್ದಾಗ ಮಾಡಿದ ಮೊದಲ ಅಭ್ಯಾಸವನ್ನೇ ಹೇಳುತ್ತೇನೆ. ಒಂದು ನಾಣ್ಯವನ್ನು 100 ಬಾರಿ ಚಿಮ್ಮಿಸಿದಾಗ 80 ಅಥವಾ ಅದಕ್ಕಿಂತ ಹೆಚ್ಚು ಹೆಡ್ ಬೀಳುವ ಸಾಧ್ಯತೆ ಸುಮಾರು 180 ಕೋಟಿಯಲ್ಲಿ ಒಂದು. ಅದಕ್ಕಾಗಿ ಕಾಯುತ್ತ ಕೂರುವ ಬದಲು, ಹೆಡ್ ಬೀಳುವ ಸಾಧ್ಯತೆಯನ್ನು 0.8ಕ್ಕೆ ಏರಿಸಿ, ಹಾಗೆ ಏರಿಸಿದ್ದನ್ನು ಲೆಕ್ಕದಲ್ಲಿ ಸರಿದೂಗಿಸುವ ತೂಕವನ್ನು ಪ್ರತಿ ಓಟಕ್ಕೂ, ಅಂದರೆ 100 ಚಿಮ್ಮುವಿಕೆಗಳ ಪ್ರತಿ ಸುತ್ತಿಗೂ, ದಾಖಲಿಸಿಕೊಂಡು ಹೋದರೆ, ಆ ವಿರಳ ಓಟಗಳು ಪರದೆಯ ಮೇಲೆ ಸಾಲುಸಾಲಾಗಿ ಕಾಣಿಸತೊಡಗುತ್ತವೆ. ಅವುಗಳಲ್ಲಿ 90, 95 ಹೆಡ್‌ಗಳ ಓಟಗಳೂ ಇರುತ್ತವೆಂದು ನಾನು ಎಣಿಸಿದ್ದೆ. ತೂಕ ಸೇರಿಸಿ ನೋಡಿದಾಗ ನಾಲ್ಕರಲ್ಲಿ ಮೂರು ಪಾಲು ಸರಿಯಾಗಿ 80ಕ್ಕೇ ನಿಂತಿದ್ದವು. ಹೆಡ್‌ಗಳು ಒಂದೆಡೆ ಗುಂಪಾಗಿರಲಿಲ್ಲ, ಮೊದಲಿನಿಂದ ಕೊನೆಯವರೆಗೆ ಹರಡಿಕೊಂಡಿದ್ದವು. ಕೇಳಿದ್ದಕ್ಕಿಂತ ಒಂದು ಹೆಡ್ಡನ್ನೂ ಹೆಚ್ಚಿಗೆ ಕೊಡಲು ಪ್ರಕೃತಿಗೆ ಮನಸ್ಸಿಲ್ಲವೇನೋ ಎಂಬಂತೆ ಆ ಪಟ್ಟಿ ಕಾಣುತ್ತಿತ್ತು, ಮತ್ತು ಅದನ್ನು ನೋಡುತ್ತ ನಾನು ಬಹಳ ಹೊತ್ತು ಕುಳಿತಿದ್ದೆ.

ಈಗ ಇದನ್ನು ನಿಮ್ಮ ಯಂತ್ರಕ್ಕೆ ಅನ್ವಯಿಸಿ. ಹೆಡ್ ಎಂದರೇನು ಎಂಬುದು ಯಂತ್ರಕ್ಕೆ ತಿಳಿಯದು. ಒಂದು ಕ್ಯಾಮೆರಾ ಪ್ರತಿ ಬಾರಿ ನಾಣ್ಯವನ್ನು ನೋಡಿ ಎಣಿಕೆಯನ್ನು ಯಂತ್ರಕ್ಕೆ ಕಳಿಸಬೇಕು, ಎಣಿಕೆ 80 ಮುಟ್ಟುವಂತೆ ಯಂತ್ರ ಸಾಧ್ಯತೆಗಳನ್ನು ಬಾಗಿಸಬೇಕು. ಆ ಕ್ಯಾಮೆರಾ ಕೆಟ್ಟು, ಏನೇ ಬಿದ್ದರೂ ಹೆಡ್ ಎಂದೇ ಹೇಳುವ ಸಾಧ್ಯತೆ ಹತ್ತು ಲಕ್ಷದಲ್ಲಿ ಒಂದು ಎಂದಿಟ್ಟುಕೊಳ್ಳೋಣ. 180 ಕೋಟಿಯಲ್ಲಿ ಒಂದಕ್ಕೆ ಹೋಲಿಸಿದರೆ ಇದು ಸುಮಾರು 1800 ಪಟ್ಟು ಸುಲಭದ ದಾರಿ. ಹಾಗಾಗಿ ನಾಯಕಿ ಗುಂಡಿ ಒತ್ತಿದಾಗ, ಬಹುಪಾಲು ಖಚಿತವಾಗಿ, ನಾಣ್ಯ ಎಂದಿನಂತೆಯೇ ಬೀಳುತ್ತದೆ, ಕ್ಯಾಮೆರಾ ಕೆಡುತ್ತದೆ, ಪರದೆಯಲ್ಲಿ ಮಾತ್ರ ಯಶಸ್ಸು ಎಂದು ಮೂಡುತ್ತದೆ. ನಿಮ್ಮ ಯಂತ್ರ ತನ್ನ ಬಿಡಿಭಾಗಗಳು ಕೆಡುವ ಸಾಧ್ಯತೆಗಿಂತ ವಿರಳವಾದ ಯಾವುದನ್ನೂ ನಿಜವಾಗಿ ಕೊಡಲಾರದು. ಇದು ನೀವು ಹೊರಗಿನಿಂದ ಹೇರಿದ ಮಿತಿಯಲ್ಲ, ಆದ್ದರಿಂದಲೇ ಓದುಗರು ಅದನ್ನು ಒಪ್ಪುತ್ತಾರೆ.

ನಾಯಕಿ ತಮ್ಮನ ಕಾಯಿಲೆ ಗುಣವಾಗಲೆಂದು ಯಂತ್ರ ಕಟ್ಟುತ್ತಾಳೆ ಎಂದು ನೀವು ಬರೆದಿದ್ದೀರಿ. ಅವಳು ಯಂತ್ರಕ್ಕೆ ಜೋಡಿಸಬಹುದಾದದ್ದು ತಮ್ಮನ ಆರೋಗ್ಯವನ್ನಲ್ಲ, ರಕ್ತಪರೀಕ್ಷೆಯ ವರದಿಯನ್ನು. ಕೊನೆಯ ಹಂತದ ಕಾಯಿಲೆ ತಾನಾಗಿ ವಾಸಿಯಾಗುವುದಕ್ಕಿಂತ ಎರಡು ನಳಿಕೆಗಳ ಚೀಟಿ ಅದಲುಬದಲಾಗುವುದು ಎಷ್ಟೋ ಹೆಚ್ಚು ಸಂಭವನೀಯ. ವರದಿ ಚೆನ್ನಾಗಿ ಬರುತ್ತದೆ, ಮನೆಯವರೆಲ್ಲ ಅಳುತ್ತ ನಗುತ್ತಾರೆ, ಮತ್ತು ಅದೇ ದಿನ ಗುರುತಿಲ್ಲದ ಇನ್ನೊಬ್ಬ ಆರೋಗ್ಯವಂತನ ಕೈಗೆ ಅವನದಲ್ಲದ ವರದಿ ಸಿಗುತ್ತದೆ. ದುರದೃಷ್ಟ ಬೇರೊಬ್ಬರಿಗೆ ದಾಟುತ್ತದೆ ಎಂದು ನೀವು ಬಯಸಿದ್ದು ಇಲ್ಲಿ ಯಾವ ಮಾಯೆಯೂ ಇಲ್ಲದೆ ಒದಗಿಬರುತ್ತದೆ. ಈ ದೃಶ್ಯವನ್ನು ದಯವಿಟ್ಟು ಅವಸರದಲ್ಲಿ ಮುಗಿಸಬೇಡಿ.

ಯಂತ್ರ ನಾಣ್ಯದ ಮೇಲೆ ಕೆಲಸ ಮಾಡುತ್ತದೆಯೋ ಪರಮಾಣುವಿನ ಮೇಲೆಯೋ ಎಂಬುದನ್ನು ಮಾತ್ರ ಮೊದಲೇ ನಿರ್ಧರಿಸಿಕೊಳ್ಳಿ. ನಾಣ್ಯದಲ್ಲಿ ಸಂಭವನೀಯತೆ ಎಂಬುದು ನಮ್ಮ ಅರಿವಿನ ಕೊರತೆ. ಗಣಿತಜ್ಞ ಪರ್ಸಿ ಡಯಾಕೊನಿಸ್ ಮತ್ತು ಸಂಗಡಿಗರು ಬಳಸಿದ ಚಿಮ್ಮುವ ಯಂತ್ರದಲ್ಲಿ ಒಂದೇ ರೀತಿ ಇಟ್ಟ ನಾಣ್ಯ ಒಂದೇ ಮುಖಕ್ಕೆ ಬೀಳುತ್ತಿತ್ತು. ವಿಕಿರಣಶೀಲ ಪರಮಾಣುವಿಗೆ ಹಾಗೆ ಹಿಡಿದು ತಿರುಗಿಸುವ ಹಿಡಿಕೆ ಇಲ್ಲ, ಆದರೂ ಅದು ಕ್ಷಯಿಸುವ ದರ ಬದಲಾಗದ್ದೇನಲ್ಲ: ಸುಮಾರು 4200 ಕೋಟಿ ವರ್ಷ ಅರ್ಧಾಯುಷ್ಯವಿರುವ (ಅಂದರೆ ಅಷ್ಟು ಕಾಲದಲ್ಲಿ ಅರ್ಧದಷ್ಟು ಪರಮಾಣುಗಳು ಕ್ಷಯಿಸುವ) ರೀನಿಯಂ-187 ಎಂಬ ಲೋಹದ ಪರಮಾಣುವಿನ ಎಲ್ಲ ಎಲೆಕ್ಟ್ರಾನುಗಳನ್ನೂ ಕಿತ್ತುಹಾಕಿದಾಗ ಆ ಅರ್ಧಾಯುಷ್ಯ ಸುಮಾರು 33 ವರ್ಷಕ್ಕೆ ಇಳಿಯುವುದನ್ನು ಜರ್ಮನಿಯಲ್ಲಿ 1990ರ ದಶಕದಲ್ಲಿ ಅಳೆದಿದ್ದಾರೆ. ನಿಮ್ಮ ಯಂತ್ರಕ್ಕೆ ಒಂದು ಪೂರ್ವಜ ಬೇಕಿದ್ದರೆ ಇದನ್ನು ಬಳಸಬಹುದು.

ಇನ್ನು ನಾಯಕಿ ಮುಂದೇನು ಮಾಡಬೇಕು ಎಂಬುದು. ಅವಳು ಯಂತ್ರದ ಬಲವನ್ನು ಹೆಚ್ಚಿಸಿ ಪ್ರಯೋಜನವಿಲ್ಲ, ಸಾಕ್ಷಿಗಳನ್ನು ಹೆಚ್ಚಿಸಬೇಕು. ಮೊದಲನೆಯದರ ಜೊತೆ ಅಷ್ಟೇ ವಿಶ್ವಾಸಾರ್ಹವಾದ ಎರಡನೆಯ ಕ್ಯಾಮೆರಾ ಇಟ್ಟು, ಎರಡೂ ಒಪ್ಪಿದರೆ ಮಾತ್ರ ಎಣಿಕೆ ಎಂದರೆ, ಎರಡೂ ಬೇರೆಬೇರೆ ಕಾರಣಕ್ಕೆ ಒಟ್ಟಿಗೆ ಕೆಡುವ ಸಾಧ್ಯತೆ ಲಕ್ಷ ಕೋಟಿಯಲ್ಲಿ ಒಂದಕ್ಕೆ ಇಳಿಯುತ್ತದೆ, ಆಗ 80 ಹೆಡ್‌ಗಳು ನಿಜವಾಗಿಯೂ ಬೀಳತೊಡಗುತ್ತವೆ. ಆದರೆ ಎರಡೂ ಕ್ಯಾಮೆರಾಗಳಿಗೆ ಒಂದೇ ತಂತಿಯಿಂದ ವಿದ್ಯುತ್ ಹೋಗುತ್ತಿದ್ದರೆ, ಯಂತ್ರ ಆ ತಂತಿಯನ್ನೇ ಹಿಡಿಯುತ್ತದೆ.