ಟಿವಿಯಲ್ಲಿ ದೆವ್ವ ಹುಡುಕುವವರ ಬದುಕು ನಿಜಕ್ಕೂ ಹೇಗಿರುತ್ತದೆ? ಅದನ್ನೇ ಕಸುಬು ಮಾಡಿಕೊಳ್ಳಬಹುದೇ?

ನಿಮ್ಮ ತಮ್ಮ ಡಿಪ್ಲೊಮಾ ಮುಗಿಸಿ, ಸಿಕ್ಕ ಕೆಲಸ ಬಿಟ್ಟು, ರಾತ್ರಿಹೊತ್ತು ಕ್ಯಾಮೆರಾ ಹಿಡಿದು ಪಾಳುಬಿದ್ದ ಮನೆಗಳಿಗೆ ಹೋಗುತ್ತಿದ್ದಾನೆ ಎಂದು ಬರೆದಿದ್ದೀರಿ. ಟಿವಿಯಲ್ಲಿ ಇದೇ ಕೆಲಸದಿಂದ ಹೆಸರಾದವರ ಬದುಕು ಹೇಗಿತ್ತು, ಇದರಲ್ಲಿ ಹೊಟ್ಟೆ ತುಂಬುತ್ತದೆಯೇ ಎಂಬುದು ನಿಮ್ಮ ಪ್ರಶ್ನೆ. ದೆವ್ವ ಇದೆಯೋ ಇಲ್ಲವೋ ಎಂದು ನೀವು ಕೇಳಿಲ್ಲ, ನಾನೂ ಆ ವಾದಕ್ಕೆ ಇಳಿಯುವುದಿಲ್ಲ. ಅಮೆರಿಕದ ಜೇಸನ್ ಹಾಸ್ ಮತ್ತು ಗ್ರಾಂಟ್ ವಿಲ್ಸನ್ ಎಂಬ ಇಬ್ಬರ ದಾರಿಯನ್ನು ನಾನು ಹದಿನೈದು ವರ್ಷಕ್ಕೂ ಮೇಲೆ ಗಮನಿಸುತ್ತ ಬಂದಿದ್ದೇನೆ. ಅವರ ಕಥೆ ನಿಮ್ಮ ತಮ್ಮನಿಗೆ ಗೊತ್ತಿರಬೇಕು ಅನ್ನಿಸುತ್ತದೆ. ಅವರಿಬ್ಬರೂ ಪ್ಲಂಬರ್‌ಗಳು, 'ಘೋಸ್ಟ್ ಹಂಟರ್ಸ್' ಎಂಬ ಟಿವಿ ಕಾರ್ಯಕ್ರಮದಿಂದ ಹೆಸರಾದವರು.

ನಾನೂ ಆ ಕಸುಬಿನ ಮನೆಯವನೇ. ಅಪ್ಪ ಮೈಸೂರಿನಲ್ಲಿ ಪ್ಲಂಬಿಂಗ್ ಕಂಟ್ರಾಕ್ಟರ್ ಆಗಿದ್ದರು. ನಾನು ಓದಿ, ದೊಡ್ಡ ಕಟ್ಟಡಗಳಿಗೆ ನೀರು ಮತ್ತು ಒಳಚರಂಡಿ ಪೈಪುಗಳ ನಕ್ಷೆ ಹಾಕುವ ಎಂಜಿನಿಯರ್ ಆದೆ. 2007ರ ಚಳಿಗಾಲದಲ್ಲಿ ಕಂಪನಿ ಕೆಲಸದ ಮೇಲೆ ಕನೆಕ್ಟಿಕಟ್ ರಾಜ್ಯದ ಹಾರ್ಟ್‌ಫರ್ಡ್ ಊರಿಗೆ ಹೋಗಿ, ಹಳೆಯ ಇಟ್ಟಿಗೆ ಕಟ್ಟಡವೊಂದರ ಮೂರನೇ ಮಹಡಿಯಲ್ಲಿ ಬಾಡಿಗೆಗೆ ಇದ್ದೆ. ಮೊದಲ ಹಿಮ ಬಿದ್ದ ರಾತ್ರಿ ಎರಡು ಗಂಟೆಗೆ ಗೋಡೆಯ ಮಗ್ಗುಲಿಂದ ಯಾರೋ ಸುತ್ತಿಗೆಯಿಂದ ಬಡಿದ ಹಾಗೆ ಸದ್ದು. ಟಣ್, ಟಣ್. ಒಂದಿಷ್ಟು ಹೊತ್ತು ಮೌನ. ಮತ್ತೆ ಟಣ್. ಜೊತೆಗಿದ್ದ ಗುಂಟೂರಿನ ಹುಡುಗ ಲೈಟು ಹಾಕಿ ಹನುಮಾನ್ ಚಾಲೀಸಾ ಹೇಳುತ್ತ ಬೆಳಗಿನವರೆಗೆ ಕೂತಿದ್ದ. ನನಗೂ ನಿದ್ದೆ ಬರಲಿಲ್ಲ.

ಆ ವಾರವೇ ಸೈ-ಫೈ ಚಾನೆಲ್‌ನಲ್ಲಿ 'ಘೋಸ್ಟ್ ಹಂಟರ್ಸ್' ಕಾರ್ಯಕ್ರಮದ ಹಳೆಯ ಕಂತುಗಳು ಸಾಲಾಗಿ ಬರುತ್ತಿದ್ದವು. ಬೋಳುತಲೆಯ ಗಟ್ಟಿ ಆಳು ಒಬ್ಬ ನೆಲಮಾಳಿಗೆಯಲ್ಲಿ ಬಗ್ಗಿ ಟಾರ್ಚು ಬಿಟ್ಟುಕೊಂಡು ಪೈಪು ನೋಡುತ್ತಿದ್ದ. ನಮ್ಮಪ್ಪ ನೋಡುವ ರೀತಿಯೇ ಅದು: ಮೊದಲು ಜಾಯಿಂಟು, ಆಮೇಲೆ ಕ್ಲಾಂಪು, ಆಮೇಲೆ ಪೈಪು ಗೋಡೆ ತೂರುವ ಜಾಗ. ಅದನ್ನು ನೋಡಿದ ಮೇಲೆ ನನಗೆ ನಮ್ಮ ರೂಮಿನ ರೇಡಿಯೇಟರ್ ನೆನಪಾಯಿತು. ಬಾಯ್ಲರ್‌ನಿಂದ ಹಬೆ ಮೇಲೆ ಬಂದು, ತಣ್ಣಗಾಗಿ ನೀರಾಗಿ, ಅದೇ ಪೈಪಿನಲ್ಲಿ ಕೆಳಗೆ ಇಳಿಯಬೇಕು. ನೆಲ ಒಂದಿಷ್ಟು ಕುಸಿದು ವಾಟ ತಪ್ಪಿದರೆ ನೀರು ಒಳಗೇ ನಿಲ್ಲುತ್ತದೆ. ನುಗ್ಗಿ ಬರುವ ಹಬೆ ಆ ನೀರನ್ನು ಎತ್ತಿ ಲೋಹಕ್ಕೆ ಅಪ್ಪಳಿಸುತ್ತದೆ. ಕಟ್ಟಡ ನೋಡಿಕೊಳ್ಳುವ ಮುದುಕರು ಬಂದು ರೇಡಿಯೇಟರಿನ ಎರಡು ಕಾಲಿನ ಕೆಳಗೆ ಮರದ ಚಕ್ಕೆ ಕೊಟ್ಟರು. ಸದ್ದು ನಿಂತಿತು. ಅವತ್ತಿನಿಂದ ಆ ಕಾರ್ಯಕ್ರಮದ ಒಂದು ಕಂತನ್ನೂ ಬಿಡದೆ ನೋಡಿದೆ.

ಜೇಸನ್ ಹುಟ್ಟಿದ್ದು 1971ರಲ್ಲಿ. ಇಪ್ಪತ್ತರ ಆಸುಪಾಸಿನಲ್ಲಿ ತನಗೇ ಏನೇನೋ ಕಾಣಲು ಶುರುವಾಯಿತು, ಅದಕ್ಕೆ ಉತ್ತರ ಹುಡುಕಲು ಹೊರಟೆ ಎಂದು ಆತ ಹೇಳಿಕೊಂಡಿದ್ದಾನೆ. 1990ರ ದಶಕದಲ್ಲಿ, ಅಮೆರಿಕದ ಅತಿ ಚಿಕ್ಕ ರಾಜ್ಯವಾದ ರೋಡ್ ಐಲೆಂಡ್‌ನಲ್ಲಿ ಗೆಳೆಯರನ್ನು ಸೇರಿಸಿ ಒಂದು ತಂಡ ಕಟ್ಟಿದ. ಗ್ರಾಂಟ್ ಬಂದು ಸೇರಿಕೊಂಡ. ಮುಂದೆ ಅದಕ್ಕೆ ಟ್ಯಾಪ್ಸ್, ಅಂದರೆ ದಿ ಅಟ್ಲಾಂಟಿಕ್ ಪ್ಯಾರಾನಾರ್ಮಲ್ ಸೊಸೈಟಿ, ಎಂದು ಹೆಸರಾಯಿತು. ವಾರ್ವಿಕ್ ಊರಿನಲ್ಲಿ ಅದರ ನೆಲೆ. ಹಗಲು ಇಬ್ಬರೂ ರೋಟೋ-ರೂಟರ್ ಕಂಪನಿಯ ವ್ಯಾನಿನಲ್ಲಿ ಹೋಗಿ ಕಟ್ಟಿಕೊಂಡ ಚರಂಡಿ ಬಿಡಿಸುತ್ತಿದ್ದರು. ರಾತ್ರಿ, ರಜೆಯ ದಿನ, ಹೆದರಿದ ಸಂಸಾರಗಳ ಮನೆಗೆ ಹೋಗುತ್ತಿದ್ದರು. ಅದಕ್ಕೆ ಒಂದು ಡಾಲರ್ ಕೂಡ ತೆಗೆದುಕೊಳ್ಳುತ್ತಿರಲಿಲ್ಲ.

2004ರ ಅಕ್ಟೋಬರ್ 6ಕ್ಕೆ ಕಾರ್ಯಕ್ರಮ ಶುರುವಾಯಿತು. ಅಲ್ಲಿಯವರೆಗೆ ಟಿವಿಯಲ್ಲಿ ದೆವ್ವದ ಕೆಲಸ ಮಾಡುವವರು ಹೆಚ್ಚಾಗಿ ಕಣ್ಣು ಮುಚ್ಚಿ 'ಇಲ್ಲಿ ಒಂದು ಆತ್ಮ ಇದೆ' ಅನ್ನುವವರಾಗಿದ್ದರು. ಇವರಿಬ್ಬರು ಟೂಲ್ ಬ್ಯಾಗು ಹೊತ್ತು ಬಂದರು. ಬಾಗಿಲು ತಾನಾಗಿ ತೆರೆಯುತ್ತದೆ ಅಂದರೆ ಕೀಲು, ಚೌಕಟ್ಟು, ನೆಲದ ವಾಟ ನೋಡುತ್ತಿದ್ದರು. ಮಲಗುವ ಕೋಣೆಯಲ್ಲಿ ಯಾರೋ ನೋಡುತ್ತಿರುವಂತೆ ಅನ್ನಿಸುತ್ತದೆ ಅಂದರೆ ತಲೆದಿಂಬಿನ ಹಿಂದಿನ ಗೋಡೆಯಲ್ಲಿ ಹಳೆಯ ವೈರಿಂಗ್ ಇದೆಯೇ ಎಂದು ವಿದ್ಯುತ್ಕಾಂತ ಕ್ಷೇತ್ರ ಅಳೆಯುವ ಮೀಟರು ಹಿಡಿಯುತ್ತಿದ್ದರು. ಅಂಥ ಕ್ಷೇತ್ರದಿಂದ ಭಯ ಹುಟ್ಟುತ್ತದೆ ಎಂಬ ಅವರ ನಂಬಿಕೆಗೆ ವಿಜ್ಞಾನದ ಗಟ್ಟಿ ಆಧಾರವಿಲ್ಲ. ಆದರೆ ಕೆಟ್ಟ ವೈರಿಂಗ್ ಪತ್ತೆಯಾಗಿದ್ದಂತೂ ಆ ಮನೆಯವರಿಗೆ ಲಾಭವೇ. ಫೋಟೋದಲ್ಲಿ ಬರುವ ಬೆಳಕಿನ ಉಂಡೆಗಳನ್ನು ತಂದು ತೋರಿಸಿದರೆ, ಇದು ಫ್ಲಾಶ್ ಬಿದ್ದ ಧೂಳು ಎಂದು ಪಕ್ಕಕ್ಕಿಡುತ್ತಿದ್ದರು. ತಮ್ಮಲ್ಲಿಗೆ ಬರುವ ಕೇಸುಗಳಲ್ಲಿ ಶೇ. 80ರಷ್ಟಕ್ಕೆ ಮಾಮೂಲಿ ಕಾರಣವೇ ಸಿಗುತ್ತದೆ ಎಂದು ಅವರೇ ಹೇಳುತ್ತಿದ್ದರು. ಕಂತಿನ ಕೊನೆಗೆ ಲ್ಯಾಪ್‌ಟಾಪ್ ತೆರೆದು ಮನೆಯವರ ಮುಂದೆ ಕೂತು, 'ನಿಮ್ಮ ಮನೆಯಲ್ಲಿ ಏನೂ ಇಲ್ಲ' ಎಂದು ಹೇಳಿದ್ದೂ ಉಂಟು. ಟಿವಿಯಲ್ಲಿ ಹಾಗೆ ಹೇಳಲು ಎದೆಗಾರಿಕೆ ಬೇಕು. ಆ ಮೊದಲ ಎರಡು ಸೀಸನ್‌ಗಾಗಿ ನನಗೆ ಅವರ ಮೇಲೆ ಇವತ್ತಿಗೂ ಗೌರವವಿದೆ.

ಇಂಥ ಮಾಮೂಲಿ ಕಾರಣಗಳನ್ನು ಹಗುರವಾಗಿ ನೋಡಬೇಡಿ. 1921ರಲ್ಲಿ ವಿಲ್ಮರ್ ಎಂಬ ಕಣ್ಣಿನ ವೈದ್ಯರು ಒಂದು ಕುಟುಂಬದ ವಿಷಯ ವೈದ್ಯಕೀಯ ಪತ್ರಿಕೆಯಲ್ಲಿ ಬರೆದರು. ಮನೆಯವರಿಗೆ ಹೆಜ್ಜೆ ಸಪ್ಪಳ ಕೇಳುತ್ತಿತ್ತು, ಆಕೃತಿಗಳು ಕಾಣುತ್ತಿದ್ದವು, ಗಿಡಗಳು ಸಾಯುತ್ತಿದ್ದವು. ಮನೆ ಬಿಸಿ ಮಾಡುವ ಕುಲುಮೆ ಕೆಟ್ಟು, ಅದರಿಂದ ಕಾರ್ಬನ್ ಮೊನಾಕ್ಸೈಡ್ ಮನೆಯೊಳಗೆ ತುಂಬುತ್ತಿತ್ತು. ಅದನ್ನು ದೆವ್ವ ಎಂದುಕೊಂಡು ಸುಮ್ಮನಿದ್ದಿದ್ದರೆ ಇಡೀ ಸಂಸಾರ ಸತ್ತುಹೋಗಬಹುದಿತ್ತು. ಇಂಗ್ಲೆಂಡಿನ ಎಂಜಿನಿಯರ್ ವಿಕ್ ಟ್ಯಾಂಡಿ 1998ರಲ್ಲಿ ಪ್ರಕಟಿಸಿದ ಪ್ರಕರಣವೂ ಇಂಥದ್ದೇ. ಅವರು ತಾವು ಕೆಲಸ ಮಾಡುತ್ತಿದ್ದ ಪ್ರಯೋಗಾಲಯದಲ್ಲಿ ಕಣ್ಣಂಚಿಗೆ ಬೂದು ಆಕೃತಿ ಕಂಡದ್ದಕ್ಕೆ ಕಾರಣ ಹುಡುಕುತ್ತ ಹೋಗಿ ಒಂದು ಫ್ಯಾನನ್ನು ಪತ್ತೆ ಹಚ್ಚಿದರು. ಅದು ಸುಮಾರು 19 ಹರ್ಟ್ಸ್‌ನ, ಕಿವಿಗೆ ಕೇಳಿಸದ ಕಂಪನ ಎಬ್ಬಿಸುತ್ತಿತ್ತು. ಕತ್ತಿವರಸೆಯ ಕತ್ತಿಯ ಅಲಗು ಇಕ್ಕಳದಲ್ಲಿ ತಾನಾಗಿ ಅದುರಿದ್ದು ಅವರಿಗೆ ಸುಳಿವು ಕೊಟ್ಟಿತು. ಆ ಎಂಜಿನಿಯರ್ ನನಗೆ ಬಹಳ ಇಷ್ಟ.

ಇನ್ನು ನಾನು ಕಣ್ಣಾರೆ ಕಂಡದ್ದು. ನಾನು ಹೈಸ್ಕೂಲಿನಲ್ಲಿದ್ದಾಗ ಮೈಸೂರಿನ ಒಂದು ಮನೆಯಿಂದ ಅಪ್ಪನಿಗೆ ಕರೆ ಬಂತು. ಆ ಮನೆಯಲ್ಲಿ ಅಜ್ಜಿ ತೀರಿಕೊಂಡು ನಾಲ್ಕು ತಿಂಗಳಾಗಿತ್ತು. ದಿನಾ ಬೆಳಗಿನ ಜಾವ ನಾಲ್ಕೂವರೆಗೆ ಅಡುಗೆಮನೆ ಗೋಡೆ ದಡದಡ ಬಡಿದುಕೊಳ್ಳುತ್ತಿತ್ತು. ಅಜ್ಜಿ ಬದುಕಿದ್ದಾಗ ಎದ್ದು ನೀರು ಹಿಡಿಯುತ್ತಿದ್ದ ಹೊತ್ತು ಅದೇ. ಸೊಸೆ ಮಕ್ಕಳನ್ನು ಕರೆದುಕೊಂಡು ತವರಿಗೆ ಹೋಗಿಬಿಟ್ಟಿದ್ದರು. ಯಾರೋ ಬಂದು ದಿಗ್ಬಂಧನ ಹಾಕಿ, ನಿಂಬೆಹಣ್ಣು ಕಟ್ಟಿ, ಕೈತುಂಬ ದುಡ್ಡು ತೆಗೆದುಕೊಂಡು ಹೋಗಿದ್ದರು. ಅಪ್ಪ ನನ್ನನ್ನೂ ಕರೆದುಕೊಂಡು ಜಾವಕ್ಕೇ ಹೋದರು. ನಾಲ್ಕೂವರೆಗೆ ಕಾರ್ಪೊರೇಷನ್ ನೀರು ಬಂತು. ಸಂಪಿನ ಬಾಲ್ ವಾಲ್ವು ಸವೆದು ಪಟಪಟ ಅನ್ನುತ್ತಿತ್ತು, ಆ ನಡುಕ ಹಳೆಯ ಜಿಐ ಪೈಪಿನಲ್ಲಿ ಏರಿಬಂದು, ಕ್ಲಾಂಪು ಕಿತ್ತುಹೋದ ಜಾಗದಲ್ಲಿ ಗೋಡೆಗೆ ಬಡಿಯುತ್ತಿತ್ತು. ಅಪ್ಪ ಪೈಪನ್ನು ಅಂಗೈಯಿಂದ ಒತ್ತಿ ಹಿಡಿದರು, ಸದ್ದು ನಿಂತಿತು.

ಆಗ ಆ ಮನೆಯ ಅಜ್ಜ ಬಾಗಿಲಲ್ಲಿ ನಿಂತಿದ್ದವರು, 'ಅದನ್ನ ಹಾಗೇ ಬಿಡಪ್ಪ, ಇರಲಿ' ಅಂದರು. ಅಪ್ಪ ಏನೂ ಮಾತಾಡಲಿಲ್ಲ. ಪೈಪಿನಿಂದ ಕೈ ತೆಗೆದು, ಅವರ ಪಕ್ಕ ಕಟ್ಟೆಯ ಮೇಲೆ ಕೂತು, ನೀರು ನಿಲ್ಲುವವರೆಗೂ ಆ ಸದ್ದನ್ನು ಅವರ ಜೊತೆ ಕೇಳಿದರು. ಮಗ ಎದ್ದು ಬಂದು ಕೇಳಿಕೊಂಡ ಮೇಲೆ, ಎರಡು ದಿನ ಬಿಟ್ಟು ಹೋಗಿ ಕ್ಲಾಂಪು ಹೊಡೆದು ವಾಲ್ವು ಬದಲಿಸಿದರು. ಸೊಸೆ, ಮಕ್ಕಳು ವಾಪಸ್ಸು ಬಂದರು. ಜೇಸನ್, ಗ್ರಾಂಟ್ ಲ್ಯಾಪ್‌ಟಾಪ್ ಮುಂದೆ ಕೂತು 'ಏನೂ ಇಲ್ಲ' ಎಂದಾಗ ಕೆಲವು ಮನೆಯವರ ಮುಖ ಬಾಡುವುದನ್ನು ನೋಡಿ ನನಗೆ ಆ ಅಜ್ಜನೇ ಕಣ್ಣಿಗೆ ಬರುತ್ತಿದ್ದರು.

ಆಮೇಲೆ ಕಾರ್ಯಕ್ರಮ ಬೆಳೆಯಿತು, ನನಗೆ ಬೇಸರವಾಗಲು ಶುರುವಾಯಿತು. ಸಂಸಾರಗಳ ಮನೆ ಕಡಿಮೆಯಾಗಿ ಹೆಸರಾಂತ ಜಾಗಗಳು ಹೆಚ್ಚಾದವು: ಕೊಲೊರಾಡೊದ ಸ್ಟ್ಯಾನ್ಲಿ ಹೋಟೆಲ್, ಫಿಲಡೆಲ್ಫಿಯಾದ ಈಸ್ಟರ್ನ್ ಸ್ಟೇಟ್ ಎಂಬ ಹಳೆಯ ಜೈಲು, ಲೂಯಿವಿಲ್‌ನ ವೇವರ್ಲಿ ಹಿಲ್ಸ್ ಎಂಬ ಹಳೆಯ ಕ್ಷಯರೋಗ ಆಸ್ಪತ್ರೆ. ಇಲ್ಲಿ ಒಂದು ಸೂಕ್ಷ್ಮವಿದೆ. ಸಂಸಾರದ ಮನೆಯಲ್ಲಿ 'ಏನೂ ಇಲ್ಲ' ಅಂದರೆ ನೆಮ್ಮದಿ. ದೆವ್ವದ ಹೆಸರಿನಲ್ಲಿ ಟಿಕೆಟ್ ಮಾರುವ ಜಾಗದಲ್ಲಿ 'ಏನೂ ಇಲ್ಲ' ಅಂದರೆ ನಷ್ಟ. ಕರೆದವರಿಗೂ ದೆವ್ವ ಬೇಕು, ಚಾನೆಲ್ಲಿಗೂ ಬೇಕು, ನೋಡುವವರಿಗೂ ಬೇಕು. ಅಂಥಲ್ಲಿ ಪೈಪು ನೋಡುವ ಪ್ಲಂಬರ್ ಯಾರಿಗೂ ಬೇಡವಾಗುತ್ತಾನೆ.

2008ರ ಹ್ಯಾಲೋವೀನ್ ರಾತ್ರಿ, ಡೆಲವೇರ್ ನದಿಯ ನಡುಗಡ್ಡೆಯಲ್ಲಿರುವ ಫೋರ್ಟ್ ಡೆಲವೇರ್ ಕೋಟೆಯಿಂದ ನೇರಪ್ರಸಾರ ಮಾಡಿದರು. ಗ್ರಾಂಟ್‌ನ ಜಾಕೆಟ್ಟಿನ ಕಾಲರನ್ನು ಹಿಂದಿನಿಂದ ಯಾರೋ ಎಳೆದಂತೆ ಕಂಡಿತು. ಜನ ಆ ತುಣುಕನ್ನು ಮತ್ತೆ ಮತ್ತೆ ನಿಧಾನಗತಿಯಲ್ಲಿ ನೋಡಿ, ಅವನ ಕೈಯ ಚಲನೆಗೂ ಕಾಲರಿನ ಎಳೆತಕ್ಕೂ ತಾಳ ಕೂಡುತ್ತದೆ, ಒಳಗೆ ದಾರವಿದೆ ಎಂದರು. ಇವರು ಒಪ್ಪಲಿಲ್ಲ. ನಾನೂ ಅದನ್ನು ಎಷ್ಟು ಸಲ ನೋಡಿದೆನೋ ಲೆಕ್ಕವಿಲ್ಲ. ನೋಡಿದಷ್ಟೂ ಮನಸ್ಸಿಗೆ ನೋವಾಯಿತು. ದಾರವಿತ್ತು ಎಂದು ನಾನು ಆಣೆ ಮಾಡಲಾರೆ. ಆದರೆ ನಾಲ್ಕು ವರ್ಷದ ಹಿಂದೆ ಅವರ ಮಾತಿಗಿದ್ದ ಬೆಲೆ ಆ ರಾತ್ರಿ ಉಳಿಯಲಿಲ್ಲ. ಉಪಕರಣಗಳ ವಿಷಯದಲ್ಲೂ ಜೋ ನಿಕೆಲ್‌ರಂಥ ಸಂಶೋಧಕರು ಹೇಳುತ್ತಿದ್ದ ಮಾತು ಸರಿಯಾಗಿತ್ತು: ಆ ಮೀಟರುಗಳು ಯಾವುವೂ ದೆವ್ವ ಹಿಡಿಯಲು ಮಾಡಿದವಲ್ಲ. ಗನ್ನಿನಂತೆ ಗುರಿಯಿಟ್ಟು ಹಿಡಿಯುವ ಥರ್ಮಾಮೀಟರು ಗೋಡೆಯ ಮೈಯ ಶಾಖ ಹೇಳುತ್ತದೆ, ಕೋಣೆಯ ನಡುವಿನ ಗಾಳಿಯದನ್ನಲ್ಲ. ಇದು ಪ್ಲಂಬರ್‌ಗೆ ಗೊತ್ತಿಲ್ಲದ ವಿಷಯವೇನಲ್ಲ.

ಗ್ರಾಂಟ್ 2012ರಲ್ಲಿ ಬಿಟ್ಟುಹೋದ. ಅವನಿಗೆ ಚಿತ್ರ, ಸಂಗೀತ, ಬೋರ್ಡ್ ಆಟ ರೂಪಿಸುವುದು ಎಲ್ಲದರಲ್ಲೂ ಆಸಕ್ತಿ. ಅಂಥ ಆಟಗಳ ಒಂದು ಕಂಪನಿಯನ್ನೂ ಕಟ್ಟಿದ್ದಾನೆ. ಜೇಸನ್ 2016ರವರೆಗೆ ಎಳೆದುಕೊಂಡು ಬಂದ. ಹನ್ನೊಂದು ಸೀಸನ್, ಹನ್ನೆರಡು ವರ್ಷ. 2019ರಲ್ಲಿ ವಿಚಿತ್ರವಾಯಿತು: ಗ್ರಾಂಟ್ ಹಳೆಯ ಹೆಸರಿನಲ್ಲೇ ಹೊಸ ತಂಡದೊಂದಿಗೆ ಒಂದು ಚಾನೆಲ್ಲಿಗೆ ಬಂದ, ಜೇಸನ್ ಹಳೆಯ ಗೆಳೆಯರೊಂದಿಗೆ ಬೇರೆ ಹೆಸರಿನಲ್ಲಿ ಇನ್ನೊಂದು ಚಾನೆಲ್ಲಿಗೆ ಬಂದ. 2022ರಲ್ಲಿ ಆ ಹಳೆಯ ಹೆಸರು ಮತ್ತೆ ಜೇಸನ್ ಕೈಗೆ ಬಂತು. ನಡುವೆ ಪುಸ್ತಕ, ರೇಡಿಯೊ, ನ್ಯೂ ಹ್ಯಾಂಪ್‌ಶೈರ್‌ನಲ್ಲಿ ಇಬ್ಬರೂ ಸೇರಿ ಕೊಂಡ ಒಂದು ಹಳೆಯ ವಸತಿಗೃಹ, ಎಲ್ಲವೂ ಇದ್ದವು. ಅಂದರೆ ಹೆಸರು ಮಾಡಿದವರೂ ಟಿವಿಯೊಂದನ್ನೇ ನಂಬಿ ಕೂರಲಿಲ್ಲ. ಶುರುವಿನ ವರ್ಷಗಳಲ್ಲಂತೂ ಅನ್ನ ಕೊಟ್ಟಿದ್ದು ಚರಂಡಿ ಬಿಡಿಸುವ ಕೆಲಸವೇ.

ನಮ್ಮ ದೇಶದಲ್ಲಿ ಈ ದಾರಿ ಹಿಡಿದವರಲ್ಲಿ ದೆಹಲಿಯ ಗೌರವ್ ತಿವಾರಿ ಹೆಸರು ನಿಮ್ಮ ತಮ್ಮನಿಗೆ ಗೊತ್ತಿರುತ್ತದೆ. ವಿಮಾನ ಹಾರಿಸುವುದನ್ನು ಕಲಿಯಲು ಅಮೆರಿಕಕ್ಕೆ ಹೋದಾಗ ಬಾಡಿಗೆ ಮನೆಯಲ್ಲಾದ ಅನುಭವ ಈ ಕಡೆ ಎಳೆಯಿತು ಎಂದು ಹೇಳುತ್ತಿದ್ದರು. 2009ರಲ್ಲಿ ಇಂಡಿಯನ್ ಪ್ಯಾರಾನಾರ್ಮಲ್ ಸೊಸೈಟಿ ಕಟ್ಟಿದರು, ಇಲ್ಲಿನ ಟಿವಿಯಲ್ಲಿ ಬಂದರು, 'ಹಾಂಟಿಂಗ್: ಆಸ್ಟ್ರೇಲಿಯಾ' ಕಾರ್ಯಕ್ರಮದ ತಂಡದಲ್ಲೂ ಇದ್ದರು. 2016ರ ಜುಲೈ 7ರಂದು ದೆಹಲಿಯ ದ್ವಾರಕಾ ಬಡಾವಣೆಯ ಮನೆಯಲ್ಲಿ ತೀರಿಕೊಂಡಾಗ ಅವರಿಗೆ ವಯಸ್ಸು 31. ಅವರ ಸಾವನ್ನೇ ದೆವ್ವದ ಕಥೆ ಮಾಡಿ ತೋರಿಸಿದವರ ಮೇಲೆ ನನಗೆ ಇನ್ನೂ ಸಿಟ್ಟಿದೆ. ಮನೆಯವರು ಅಳುತ್ತಿರುವಾಗ ಮಾಡುವ ಕೆಲಸವೇ ಅದು? ನಿಮ್ಮ ತಮ್ಮ ಒಬ್ಬನೇ ರಾತ್ರಿ ಅಲೆಯುತ್ತಿದ್ದರೆ ವೀಕ್ಷಣೆ ಎಷ್ಟು ಬಂತು ಎಂದು ಕೇಳುವ ಮೊದಲು ಊಟ ಆಯಿತೇ, ನಿದ್ದೆ ಬರುತ್ತಿದೆಯೇ ಎಂದು ಕೇಳಿ.

ಅವನನ್ನು ಬೈದು ಬಿಡಿಸಬೇಡಿ. ಇದಕ್ಕೆ ನಮ್ಮಲ್ಲೂ ಒಳ್ಳೆಯ ಹಿರಿಯರಿದ್ದಾರೆ. 1976ರಲ್ಲಿ ಬೆಂಗಳೂರು ವಿಶ್ವವಿದ್ಯಾಲಯದ ಕುಲಪತಿಯಾಗಿದ್ದ ಎಚ್. ನರಸಿಂಹಯ್ಯನವರು ಪವಾಡಗಳನ್ನು ಪರೀಕ್ಷೆ ಮಾಡಲು ಸಮಿತಿಯನ್ನೇ ರಚಿಸಿದ್ದರು. ಆದರೆ ಪಾಳುಮನೆಗೂ ಒಬ್ಬ ಮಾಲೀಕ ಇರುತ್ತಾನೆ, ಅನುಮತಿ ಬೇಕು. ಮುಚ್ಚದ ಬಾವಿ, ಹಾವು, ಕುಸಿಯುವ ಮಾಳಿಗೆ, ಇವೇ ಅಲ್ಲಿನ ನಿಜವಾದ ಅಪಾಯ. ಜನ ವಾಸ ಮಾಡುವ ಮನೆಗೆ ಹೋದರೆ ದುಡ್ಡು ಕೇಳಬಾರದು, ಅವರ ಮುಖ ವಿಡಿಯೊದಲ್ಲಿ ಹಾಕಬಾರದು.

ಡಿಪ್ಲೊಮಾ ಯಾವುದರಲ್ಲಿ ಎಂದು ನೀವು ಬರೆದಿಲ್ಲ. ಯಾವುದಾದರೂ ಆಗಲಿ, ಒಂದು ಆರು ತಿಂಗಳು ಪ್ಲಂಬಿಂಗ್ ಅಥವಾ ವೈರಿಂಗ್ ಕೆಲಸದವರ ಹಿಂದೆ ಓಡಾಡಲಿ. ಮನೆ ರಾತ್ರಿಹೊತ್ತು ಏನೇನು ಸದ್ದು ಮಾಡುತ್ತದೆ ಎಂದು ಕಿವಿಗೆ ಬರಲಿ. ಮೈಸೂರಿಗೆ ಬರುವುದಾದರೆ ತಿಳಿಸಿ. ಅಪ್ಪನ ಜೊತೆಗಿದ್ದ ಮೇಸ್ತ್ರಿ ಈಗಲೂ ಕೆಲಸ ಮಾಡುತ್ತಿದ್ದಾರೆ, ಬೆಳಿಗ್ಗೆ ಏಳಕ್ಕೆ ಬರುವ ಹುಡುಗರನ್ನು ಸೇರಿಸಿಕೊಳ್ಳುತ್ತಾರೆ.