ಮೈನ್‌ಕ್ರಾಫ್ಟ್ ಪಾತ್ರಕ್ಕೆ ಇಳಕಲ್ ಸೀರೆ ಉಡಿಸಬಹುದೇ? ಉಡಿಸಿದರೆ ಅದು ಸೀಳಿದಂತೆ ಕಾಣುವುದೇಕೆ?

ನಿಮ್ಮ ಪ್ರಶ್ನೆಯಲ್ಲಿ ಮೂರು ಸಂಗತಿಗಳಿವೆ. ಮೈನ್‌ಕ್ರಾಫ್ಟ್ ಎಂಬ ಕಂಪ್ಯೂಟರ್ ಆಟದಲ್ಲಿ ನಿಮ್ಮ ಪಾತ್ರಕ್ಕೆ ಇಳಕಲ್ ಸೀರೆ ಉಡಿಸಿ ಜಡೆ ಹೆಣೆದು ಕುಂಕುಮ ಇಡಲು ಸಾಧ್ಯವೇ ಎಂದು ಕೇಳಿದ್ದೀರಿ. ನೀವೇ ಬರೆದು ನೋಡಿದ ಸ್ಕಿನ್‌ನಲ್ಲಿ ತೋಳಿನ ಹಿಂಬದಿಗೆ ಕಪ್ಪು ಪಟ್ಟೆ ಏಕೆ ಬಂತು ಎಂದೂ, ನಡೆಯುವಾಗ ಸೀರೆ ಎರಡು ಸೀಳಾಗಿ ಕಾಣುವುದೇಕೆ ಎಂದೂ ಕೇಳಿದ್ದೀರಿ. ಸೀರೆ ಖಂಡಿತ ಉಡಿಸಬಹುದು. ನಾನು ಇಂತಹ ಸ್ಕಿನ್‌ಗಳನ್ನು ಬಂಧುಗಳ ಮಕ್ಕಳಿಗೂ ಗೆಳೆಯರಿಗೂ ಬರೆದುಕೊಡುತ್ತಿರುತ್ತೇನೆ. ಪಾತ್ರದ ದೇಹ ಆರು ಪೆಟ್ಟಿಗೆಗಳ ಜೋಡಣೆ. ಸ್ಕಿನ್ ಎಂಬುದು ಆ ಪೆಟ್ಟಿಗೆಗಳ ಮೈಗೆ ಅಂಟಿಸಿದ ಚಿತ್ರ ಅಷ್ಟೆ. ಪೆಟ್ಟಿಗೆಯ ಆಕಾರವನ್ನು ನಾವು ಬದಲಿಸಲಾರೆವು. ಆದ್ದರಿಂದ ನೆರಿಗೆಯಾಗಲಿ ಸೆರಗಾಗಲಿ, ಎಲ್ಲವನ್ನೂ ಬಣ್ಣದಿಂದಲೇ ಕಣ್ಣಿಗೆ ನಂಬಿಸಬೇಕು.

ಮೊದಲು ನೀವು ಆಡುವುದು ಯಾವ ಆವೃತ್ತಿ ಎಂಬುದನ್ನು ನೋಡಿಕೊಳ್ಳಿ. ಕಂಪ್ಯೂಟರ್‌ನ ಜಾವಾ ಆವೃತ್ತಿಗೆ 64×64 ಪಿಕ್ಸೆಲ್ ಅಳತೆಯ ಒಂದು ಪಿಎನ್‌ಜಿ ಚಿತ್ರಕಡತ ಸಾಕು. ಮೊಬೈಲ್, ಕನ್ಸೋಲ್ ಮತ್ತು ವಿಂಡೋಸ್‌ನಲ್ಲಿ ಸಿಗುವ ಬೆಡ್‌ರಾಕ್ ಆವೃತ್ತಿಯಲ್ಲಿ ಡ್ರೆಸ್ಸಿಂಗ್ ರೂಮ್ ಎಂಬ ಕಡೆ ಕಣ್ಣು, ಬಾಯಿ, ಕೂದಲು, ಅಂಗಿ, ಪಾದರಕ್ಷೆಗಳನ್ನು ಒಂದೊಂದಾಗಿ ಆರಿಸಿ ಪಾತ್ರವನ್ನು ಕಟ್ಟಬಹುದು. ಅಲ್ಲಿನ ಕೆಲವು ಉಡುಪುಗಳು ಉಚಿತ, ಕೆಲವಕ್ಕೆ ಮೈನ್‌ಕಾಯಿನ್ ಎಂಬ ಆಟದ ನಾಣ್ಯ ತೆರಬೇಕು. ಆದರೆ ಅವೆಲ್ಲ ಸಿದ್ಧ ಉಡುಪುಗಳು, ಅಂಚು ಸೆರಗುಗಳನ್ನು ನಮಗೆ ಬೇಕಾದಂತೆ ಬಿಡಿಸಲು ಅಲ್ಲಿ ಎಡೆಯಿಲ್ಲ. ಹಾಗಾಗಿ ಬೆಡ್‌ರಾಕ್‌ನಲ್ಲಿ ಆಡುವವರೂ ಕ್ಲಾಸಿಕ್ ಸ್ಕಿನ್ ವಿಭಾಗಕ್ಕೆ ಹೋಗಿ ತಾವು ಬರೆದ ಪಿಎನ್‌ಜಿಯನ್ನೇ ಸೇರಿಸಬೇಕು. ಮೊಬೈಲ್ ಮತ್ತು ವಿಂಡೋಸ್‌ನಲ್ಲಿ ಇದು ಸಾಧ್ಯ. ಪ್ಲೇಸ್ಟೇಷನ್, ಸ್ವಿಚ್‌ನಂತಹ ಕನ್ಸೋಲ್‌ಗಳಲ್ಲಿ ಆಡುವವರಿಗೆ ಈ ದಾರಿಯಿಲ್ಲ.

ಇನ್ನು ಆ ಕಪ್ಪು ಪಟ್ಟೆ. 2014ರಲ್ಲಿ ಬಂದ ಜಾವಾ 1.8 ಆವೃತ್ತಿಯಿಂದೀಚೆಗೆ ದೇಹದಲ್ಲಿ ಎರಡು ಮಾದರಿಗಳಿವೆ. ಆಟದಲ್ಲೇ ಸಿದ್ಧವಾಗಿ ಬರುವ ಪಾತ್ರಗಳಲ್ಲಿ ಸ್ಟೀವ್‌ನ ಕ್ಲಾಸಿಕ್ ಮಾದರಿಯಲ್ಲಿ ತೋಳಿನ ಅಗಲ 4 ಪಿಕ್ಸೆಲ್, ಅಲೆಕ್ಸ್‌ಳ ಸ್ಲಿಮ್ ಮಾದರಿಯಲ್ಲಿ 3. ತೋಳಿನ ನಾಲ್ಕೂ ಬದಿಗಳನ್ನು ಕಡತದಲ್ಲಿ ಸಾಲಾಗಿ ಬಿಡಿಸಿಟ್ಟಿರುವುದರಿಂದ, ಸ್ಲಿಮ್ ಮಾದರಿಗೆಂದು ಬರೆದ ಚಿತ್ರ ಕ್ಲಾಸಿಕ್ ಮಾದರಿಗಿಂತ ಎರಡು ಪಿಕ್ಸೆಲ್ ಮೊದಲೇ ಮುಗಿದುಬಿಡುತ್ತದೆ. ಆ ಕಡತವನ್ನು ಕ್ಲಾಸಿಕ್ ಎಂದು ಸೂಚಿಸಿ ಏರಿಸಿದರೆ ಬಣ್ಣವಿಲ್ಲದೆ ಉಳಿದ ಆ ಎರಡು ಕಂಬಸಾಲುಗಳು (ಮೇಲಿಂದ ಕೆಳಕ್ಕಿಳಿಯುವ ಸಾಲುಗಳು) ತೋಳಿನ ಹಿಂಬದಿಗೆ ಬಂದು ಕೂರುತ್ತವೆ. ದೇಹದ ಮೂಲ ಪದರದಲ್ಲಿ ಪಾರದರ್ಶಕತೆಗೆ ಅವಕಾಶವಿಲ್ಲದ ಕಾರಣ ಅವು ಸಾಮಾನ್ಯವಾಗಿ ಕಪ್ಪಾಗಿ ಕಾಣುತ್ತವೆ. ನಿಮ್ಮ ಚಿತ್ರದಲ್ಲಿ ಆಗಿರುವುದು ಬಹುಮಟ್ಟಿಗೆ ಇದೇ ಎಂದು ನನ್ನ ಎಣಿಕೆ. ಕಡತವನ್ನು ಮುಟ್ಟದೆ, ಏರಿಸುವಾಗ ಸ್ಲಿಮ್ ಆರಿಸಿ ನೋಡಿ. ರವಿಕೆ ತೊಟ್ಟ ತೋಳಿಗೆ ಸ್ಲಿಮ್ ಮಾದರಿಯೇ ಒಪ್ಪುತ್ತದೆ ಎಂಬುದು ನನ್ನ ಅಭಿಪ್ರಾಯ.

ಸೀರೆ ಸೀಳುವ ವಿಷಯ ಹೆಚ್ಚು ಸ್ವಾರಸ್ಯಕರವಾದದ್ದು. ಪ್ರತಿ ಕಾಲೂ 4 ಪಿಕ್ಸೆಲ್ ಅಗಲ, 4 ಪಿಕ್ಸೆಲ್ ದಪ್ಪ, 12 ಪಿಕ್ಸೆಲ್ ಎತ್ತರದ ಪೆಟ್ಟಿಗೆ. ನಡೆಯುವಾಗ ಒಂದು ಮುಂದಕ್ಕೂ ಇನ್ನೊಂದು ಹಿಂದಕ್ಕೂ ಬೀಸುತ್ತದೆ. ಹಾಗೆ ಬೀಸಿದಾಗ, ನಿಂತಿರುವಾಗ ಎಂದೂ ಕಾಣದ ಒಳಬದಿಗಳು ಹೊರಗೆ ಬರುತ್ತವೆ. ಆರಂಭಿಕರು ಆ ಒಳಬದಿಗಳನ್ನು ಮೈಬಣ್ಣದಲ್ಲೋ ಹಳೆಯ ಪ್ಯಾಂಟಿನ ಬಣ್ಣದಲ್ಲೋ ಹಾಗೆಯೇ ಬಿಟ್ಟಿರುತ್ತಾರೆ, ಸೀಳು ಎದ್ದು ಕಾಣಲು ಇದೇ ಕಾರಣ. ಎರಡೂ ಒಳಬದಿಗಳಿಗೆ ಸೀರೆಯ ಒಡಲಿನ ಬಣ್ಣವನ್ನೇ ತುಂಬಿ, ಆದರೆ ಎರಡು ಛಾಯೆ ಕಡುವಾಗಿಸಿ. ಆಗ ಸೀಳು ನೆರಿಗೆಯೊಳಗಿನ ನೆರಳಿನಂತೆ ಕಾಣುತ್ತದೆ. ಮುಂಬದಿಯಲ್ಲಿ ಎರಡು ಕಾಲುಗಳು ಸೇರಿ 8 ಕಂಬಸಾಲುಗಳಾಗುತ್ತವಲ್ಲ, ಅವುಗಳಲ್ಲಿ ನಡುವಿನ ಎರಡನ್ನು ಕಡುವಾಗಿಯೂ ಅವುಗಳ ಅಕ್ಕಪಕ್ಕವನ್ನು ತಿಳಿಯಾಗಿಯೂ ಬರೆದರೆ, ಕಾಲುಗಳು ಕೂಡುವ ಗೆರೆ ನೆರಿಗೆಗಳ ನಡುವೆ ಕಳೆದುಹೋಗುತ್ತದೆ. ಕೆಳಗಿನ ಎರಡು ಅಡ್ಡಸಾಲುಗಳಲ್ಲಿ ಅಂಚು ಬರಲಿ. ಅದು ಎರಡೂ ಕಾಲುಗಳ ನಾಲ್ಕೂ ಬದಿಗಳಲ್ಲಿ ಒಂದೇ ಮಟ್ಟದಲ್ಲಿ ಸುತ್ತಿ ಬರಬೇಕು, ಒಂದು ಪಿಕ್ಸೆಲ್ ಏರುಪೇರಾದರೂ ಸೀರೆಯ ಭ್ರಮೆ ಹಾಳಾಗುತ್ತದೆ. ಪಾದದ ಅಡಿಯ ಚೌಕವನ್ನೂ ಮರೆಯದಿರಿ. ನೀವು ಏಣಿ ಹತ್ತುವಾಗ ಕೆಳಗೆ ನಿಂತವರಿಗೆ ಅದೇ ಕಾಣುವುದು. ಕುದುರೆ ಏರಿದಾಗ, ದೋಣಿಯಲ್ಲಿ ಕೂತಾಗ ಮಾತ್ರ ಸೀರೆ ಇಬ್ಭಾಗವಾಗಿಯೇ ತೀರುತ್ತದೆ, ಅದಕ್ಕೆ ಬಣ್ಣದಲ್ಲಿ ಮದ್ದಿಲ್ಲ.

ಸೆರಗಿಗೆ ಹೊರಪದರವನ್ನು ಬಳಸಿ. ದೇಹದ ಪ್ರತಿ ಭಾಗಕ್ಕೂ ಮೂಲ ಪದರದ ಮೇಲೆ ತುಸು ಉಬ್ಬಿದ ಇನ್ನೊಂದು ಪದರವಿದ್ದು, ಅದರಲ್ಲಿ ಬಣ್ಣ ಹಚ್ಚದ ಜಾಗ ಪಾರದರ್ಶಕವಾಗಿಯೇ ಉಳಿಯುತ್ತದೆ. ಮೂಲ ಪದರದಲ್ಲಿ ರವಿಕೆ ಬರೆದು, ಹೊರಪದರದಲ್ಲಿ ಬಲ ಸೊಂಟದಿಂದ ಎಡ ಭುಜಕ್ಕೆ ಓರೆಯಾಗಿ ಸೆರಗನ್ನು ಏರಿಸಿದರೆ ಅದು ನಿಜಕ್ಕೂ ರವಿಕೆಯ ಮೇಲೆ ಹೊದ್ದಂತೆ ಕಾಣುತ್ತದೆ. ಪಾತ್ರ ನಿಮಗೆ ಎದುರಾಗಿ ನಿಂತಿರುವುದರಿಂದ ಕಡತದ ಮುಂಬದಿಯಲ್ಲಿ ಅದರ ಎಡ ಭುಜ ನಿಮ್ಮ ಬಲಕ್ಕಿರುತ್ತದೆ, ಬೆನ್ನಿನ ಚಿತ್ರದಲ್ಲಿ ನಿಮ್ಮ ಎಡಕ್ಕೇ ಇರುತ್ತದೆ. ಇಲ್ಲಿ ಇನ್ನೊಂದು ತೊಡಕಿದೆ. ತಲೆಯ ಪೆಟ್ಟಿಗೆ 8 ಪಿಕ್ಸೆಲ್ ಅಗಲ, ಮುಂಡವೂ ಅಷ್ಟೇ ಅಗಲ. ಹಾಗಾಗಿ ಮುಂಡದ ಮೇಲ್ಭಾಗ ಪೂರ್ತಿ ತಲೆಯಡಿ ಮುಚ್ಚಿಹೋಗಿರುತ್ತದೆ, ನಮಗೆ ಭುಜವಾಗಿ ಕಾಣುವುದು ತೋಳಿನ ನೆತ್ತಿ. ಎಡತೋಳಿನ ನೆತ್ತಿಗೂ ಆ ತೋಳಿನ ಮೇಲ್ತುದಿಯ ಒಂದೆರಡು ಸಾಲುಗಳಿಗೂ ಸೆರಗಿನ ಬಣ್ಣ ಹಚ್ಚದಿದ್ದರೆ ಸೆರಗು ಗದ್ದದ ಕೆಳಗೆ ಮಾಯವಾದಂತೆ ತೋರುತ್ತದೆ. ಅದಕ್ಕಿಂತ ಹೆಚ್ಚು ಸಾಲು ಹಚ್ಚಿದರೆ ತೋಳು ಬೀಸಿದಾಗಲೆಲ್ಲ ಸೆರಗು ತುಂಡಾಗುತ್ತದೆ.

ನೀವು ಇಳಕಲ್ ಸೀರೆಯನ್ನು ಆರಿಸಿರುವುದು ಒಳ್ಳೆಯದೇ ಆಯಿತು. ಕೆಂಪು ಸೆರಗಿನಲ್ಲಿ ಬಿಳಿಯ ಹಲ್ಲು ಹಲ್ಲಾದ ತೆನಿ ಎಂಬ ವಿನ್ಯಾಸ ಮೆಟ್ಟಿಲು ಮೆಟ್ಟಿಲಾಗಿಯೇ ಏರುವುದರಿಂದ ಚೌಕ ಪಿಕ್ಸೆಲ್‌ಗಳಿಗೆ ಸಹಜವಾಗಿ ಒಗ್ಗುತ್ತದೆ; ಎಳೆ ಎಣಿಸಿ ಕಸೂತಿ ಹಾಕಿದಂತೆಯೇ ಇದು ಕೂಡ ಮನೆ ಎಣಿಸಿ ತುಂಬುವ ಕೆಲಸ. ಒಡಲು ಕಡುನೀಲಿಯಾಗಿರಲಿ, ಅಂಚು ಕೆಂಪಾಗಿರಲಿ. ಗುಳೇದಗುಡ್ಡದ ಖಣದ ರವಿಕೆ ಬೇಕೆನಿಸಿದರೆ ಅದರ ನೇಯ್ಗೆಯ ವಿನ್ಯಾಸವನ್ನು ಇಷ್ಟು ಸಣ್ಣ ಜಾಗದಲ್ಲಿ ಬಿಡಿಸಲು ಹೋಗಬೇಡಿ, ಒಂದೇ ಬಣ್ಣದ ಎರಡು ಹತ್ತಿರದ ಛಾಯೆಗಳನ್ನು ಒಂದು ಬಿಟ್ಟು ಒಂದರಂತೆ ಇಟ್ಟರೆ ಸಾಕು. ದೂರದಿಂದ ನೋಡುವವರಿಗೆ ಬಣ್ಣಗಳ ನಡುವಿನ ಅಂತರ ಕಾಣುತ್ತದೆಯೇ ಹೊರತು ಕುಸುರಿ ಕಾಣುವುದಿಲ್ಲ.

ಮುಖ 8×8 ಪಿಕ್ಸೆಲ್, ಎಂದರೆ ಒಟ್ಟು 64 ಮನೆಗಳು. ಎಂಟು ಸಮಸಂಖ್ಯೆಯಾದ್ದರಿಂದ ಹಣೆಗೆ ನಟ್ಟನಡುವಿನ ಪಿಕ್ಸೆಲ್ ಎಂಬುದೇ ಇಲ್ಲ! ಒಂದೇ ಪಿಕ್ಸೆಲ್‌ನ ಕುಂಕುಮ ಇಟ್ಟರೆ ಅದು ಒಂದು ಪಕ್ಕಕ್ಕೆ ಸರಿದಂತೆ ಕಾಣುತ್ತದೆ. ಎರಡು ಪಿಕ್ಸೆಲ್ ಇಟ್ಟರೆ ಹಣೆಯ ಅಗಲದ ಕಾಲು ಭಾಗವನ್ನೇ ಆವರಿಸುತ್ತದೆ. ನಾನಾದರೆ ಎರಡು ಪಿಕ್ಸೆಲ್‌ನದನ್ನೇ ಇಡುತ್ತೇನೆ. ಇಳಕಲ್ ಸೀರೆ ಉಟ್ಟು ಅಗಲವಾದ ಕುಂಕುಮ ಇಟ್ಟವರು ನಮ್ಮ ಕಣ್ಣಿಗೆ ಹೊಸಬರೇನೂ ಅಲ್ಲವಲ್ಲ. ಬೆಡ್‌ರಾಕ್‌ನಲ್ಲಿ 128×128ರ ಸ್ಕಿನ್‌ಗೂ ಅವಕಾಶವಿದೆ. ಅಲ್ಲಿ ಮುಖದ ಅಗಲ 16 ಪಿಕ್ಸೆಲ್ ಆಗುವುದರಿಂದ ಎರಡು ಪಿಕ್ಸೆಲ್‌ನ ಬೊಟ್ಟು ಚಿಕ್ಕದಾಗಿ, ನಡುವಿನಲ್ಲೇ ಕೂರುತ್ತದೆ. ಜಾವಾ ಆವೃತ್ತಿ ಅಂತಹ ಕಡತವನ್ನು ಸ್ವೀಕರಿಸುವುದಿಲ್ಲ.

ಜಡೆಯ ಬಗ್ಗೆ ಮಾತ್ರ ನನ್ನ ಸಲಹೆ ನಿಮ್ಮ ಇಚ್ಛೆಗೆ ವಿರುದ್ಧವಾಗಿದೆ. ಜಡೆಯನ್ನು ಬೆನ್ನಿನ ಹೊರಪದರದಲ್ಲಿ ಬರೆಯಬೇಕಾಗುತ್ತದೆ, ಆದರೆ ತಲೆ ಬೆನ್ನಿಗಿಂತ ಸ್ವತಂತ್ರವಾಗಿ ತಿರುಗುತ್ತದೆ. ಪಕ್ಕಕ್ಕೆ ನೋಡಿದ ಕೂಡಲೇ ಜಡೆ ತಲೆಯಿಂದ ಕಳಚಿಕೊಂಡಂತಾಗುತ್ತದೆ. ಮೇಲಾಗಿ ಬೆನ್ನಿನ 8 ಪಿಕ್ಸೆಲ್‌ನಲ್ಲಿ ಅರ್ಧವನ್ನು ಸೆರಗು ಈಗಾಗಲೇ ಹಿಡಿದಿರುತ್ತದೆ. ತುರುಬು ಕಟ್ಟಿ, ಅದರ ಸುತ್ತ ಒಂದಿಷ್ಟು ಬಿಳಿ ಪಿಕ್ಸೆಲ್‌ಗಳ ಮಲ್ಲಿಗೆ ಮುಡಿಸಿ. ಇದೆಲ್ಲ ತಲೆಯ ಹೊರಪದರದಲ್ಲೇ ಇರುವುದರಿಂದ ತಲೆಯೊಂದಿಗೇ ತಿರುಗುತ್ತದೆ.

ಬರೆಯಲು ಬ್ಲಾಕ್‌ಬೆಂಚ್ ಎಂಬ ಉಚಿತ ತಂತ್ರಾಂಶ ನನಗೆ ಹಿಡಿಸಿದೆ, ಏಕೆಂದರೆ ಅದರಲ್ಲಿ ಬಿಡಿಸಿದ ಕಡತವನ್ನೂ ನಿಂತ ಪಾತ್ರವನ್ನೂ ಒಟ್ಟಿಗೆ ನೋಡುತ್ತಾ ಬಣ್ಣ ಹಚ್ಚಬಹುದು. ಉಳಿಸುವಾಗ ಜೆಪೆಗ್ ಬೇಡ. ಅದು ಪಾರದರ್ಶಕತೆಯನ್ನು ಕಳೆದು, ಬಣ್ಣಗಳನ್ನೂ ಕದಡುತ್ತದೆ. ಜಾವಾ ಲಾಂಚರ್‌ನ ಸ್ಕಿನ್ಸ್ ವಿಭಾಗದಲ್ಲಿ ಕಡತ ಏರಿಸಿ, ಸ್ಲಿಮ್ ಆರಿಸಿ, ಆಟ ತೆರೆದು ಎಫ್5 ಒತ್ತಿದರೆ ನಿಮ್ಮ ಪಾತ್ರ ಹೊರಗಿನಿಂದ ಕಾಣುತ್ತದೆ. ಸೆರಗು ಅಥವಾ ತುರುಬು ಕಾಣದಿದ್ದರೆ ಆಯ್ಕೆಗಳಲ್ಲಿ ಸ್ಕಿನ್ ಕಸ್ಟಮೈಸೇಷನ್ ತೆರೆದು ಜಾಕೆಟ್, ಹ್ಯಾಟ್ ಎಂಬ ಹೊರಪದರಗಳು ಆನ್ ಆಗಿವೆಯೇ ಎಂದು ನೋಡಿ. ಬೆಡ್‌ರಾಕ್‌ನಲ್ಲಿ ಜೊತೆಗಾರರಿಗೆ ನಿಮ್ಮ ಸೀರೆ ಕಾಣದಿದ್ದರೆ, ವಿಶ್ವಾಸಾರ್ಹ ಸ್ಕಿನ್‌ಗಳನ್ನು ಮಾತ್ರ ತೋರಿಸುವ ಆಯ್ಕೆ ಅವರ ಕಡೆ ಆನ್ ಆಗಿರುವ ಸಾಧ್ಯತೆಯಿದೆ.

ಶತ್ರುಗಳಿಂದ ಪಾರಾಗಿ ಬದುಕುಳಿಯಬೇಕಾದ ಸರ್ವೈವಲ್ ವಿಧಾನದಲ್ಲೇ ನೀವು ಹೆಚ್ಚು ಆಡುವವರಾದರೆ ಇನ್ನೊಂದು ಲೆಕ್ಕ ಹಾಕಿಕೊಳ್ಳಿ: ಕವಚ ತೊಟ್ಟ ಕೂಡಲೇ ಮುಂಡ ಮತ್ತು ಕಾಲುಗಳ ಬಹುಭಾಗ ಮುಚ್ಚಿಹೋಗುತ್ತದೆ, ಎಲಿಟ್ರಾ ಎಂಬ ರೆಕ್ಕೆ ಹಾಕಿದರೆ ಬೆನ್ನೂ ಕಾಣುವುದಿಲ್ಲ. ಶಿರಸ್ತ್ರಾಣ ತೊಡದಿದ್ದರೆ ಆಗ ಉಳಿಯುವುದು ಮುಖ ಮತ್ತು ಮುಂಗೈ. ಅಂಥವರು ಸೆರಗಿನ ತೆನಿಗೆ ವ್ಯಯಿಸುವ ಸಮಯವನ್ನು ಕಣ್ಣು, ಕುಂಕುಮಗಳಿಗೂ ಮುಂಗೈ ಸುತ್ತ ಒಂದು ಸಾಲಿನ ಹಸಿರು ಬಳೆಗೂ ಕೊಡುವುದು ಮೇಲು.