ಓದುಗರ ಪ್ರಶ್ನೆಗೆ ಉತ್ತರ: ಚಳಿಗಾಲದ ಕಷಾಯ

ಕಳೆದ ತಿಂಗಳ ಅಂಕಣದಲ್ಲಿ ಮನೆಯಲ್ಲಿ ಮಾಡುವ ಕಷಾಯದ ಪುಡಿಯ ವಿಷಯ ಎರಡು ಸಾಲಿನಲ್ಲಿ ಬಂದಿತ್ತು. ಅದನ್ನು ಓದಿದ ಹಲವರು ಅಳತೆ, ಹದ, ಹಾಲು ಒಡೆಯುವ ತೊಂದರೆ ಮೊದಲಾದವುಗಳ ಬಗ್ಗೆ ವಿವರವಾಗಿ ಬರೆದು ಕೇಳಿದ್ದಾರೆ. ಮಾರ್ಗಶಿರದ ಚಳಿಯೂ ಬಂದಿರುವುದರಿಂದ ಈ ಸಲದ ಅಂಕಣವನ್ನು ಪೂರ್ತಿಯಾಗಿ ಕಷಾಯಕ್ಕೇ ಮೀಸಲಿಟ್ಟಿದ್ದೇನೆ.

ಪ್ರಶ್ನೆ: ಮೊಬೈಲಿನಲ್ಲಿ ಬಂದ ಒಂದು ವಿಧಾನ ನೋಡಿ ಕೊತ್ತಂಬರಿ, ಜೀರಿಗೆ, ಕಾಳುಮೆಣಸು, ಲವಂಗ, ಚಕ್ಕೆ, ಓಮ ಎಲ್ಲವನ್ನೂ ಸಮ ಪ್ರಮಾಣದಲ್ಲಿ ಹುರಿದು ಪುಡಿ ಮಾಡಿದೆ. ಕಷಾಯ ಗಂಟಲು ಸುಡುವಷ್ಟು ಖಾರವಾಗಿ, ಕೊನೆಯಲ್ಲಿ ಕಹಿಯಾಯಿತು. ಮಕ್ಕಳು ಲೋಟವನ್ನು ಮುಟ್ಟಲೂ ಇಲ್ಲ. ತಪ್ಪಿದ್ದೆಲ್ಲಿ?
(ಓದುಗರೊಬ್ಬರು, ಧಾರವಾಡ)

ಉತ್ತರ: ‘ಸಮ ಪ್ರಮಾಣ’ ಎಂಬಲ್ಲಿಯೇ ತಪ್ಪಿದೆ. ಮಲೆನಾಡು ಮತ್ತು ಕರಾವಳಿಯ ಮನೆಗಳಲ್ಲಿ ದಿನವೂ ಕುಡಿಯುವ ಕಷಾಯಕ್ಕೆ ಕೊತ್ತಂಬರಿಯೇ ಆಧಾರ, ಅದರ ಅರ್ಧದಷ್ಟು ಜೀರಿಗೆ, ಉಳಿದವೆಲ್ಲ ಪರಿಮಳಕ್ಕೆ ಬೇಕಾದಷ್ಟು ಮಾತ್ರ. 2020ರಲ್ಲಿ ಕೊರೊನಾ ಹಬ್ಬಿದಾಗ ಆಯುಷ್ ಸಚಿವಾಲಯ ತುಳಸಿ, ದಾಲ್ಚಿನ್ನಿ, ಕಾಳುಮೆಣಸು, ಒಣಶುಂಠಿ, ಒಣದ್ರಾಕ್ಷಿಗಳ ಕಷಾಯವನ್ನು ದಿನಕ್ಕೆ ಒಂದೆರಡು ಬಾರಿ ಕುಡಿಯಬಹುದೆಂದು ಸಲಹೆ ನೀಡಿತ್ತು. ಆ ಭಯದ ದಿನಗಳಲ್ಲಿ ಖಾರ ಹೆಚ್ಚಿದಷ್ಟೂ ಗುಣ ಹೆಚ್ಚೆಂಬ ನಂಬಿಕೆ ಬೆಳೆದು, ಮನೆಮನೆಯಲ್ಲಿ ಮೆಣಸು ಲವಂಗಗಳನ್ನು ಹಿಡಿಹಿಡಿ ಹಾಕಿ ಕುದಿಸುವುದು ರೂಢಿಯಾಯಿತು. ಆ ರೂಢಿ ನಮ್ಮ ಹಳೆಯ ಕಷಾಯದ ಹದವನ್ನೇ ಮರೆಸುತ್ತಿದೆ ಎಂಬುದು ನನಗೆ ನಿಜವಾಗಿಯೂ ನೋವಿನ ಸಂಗತಿ. ಶಿರಸಿಯ ಸುತ್ತಿನ ಹವ್ಯಕರ ಮನೆಗಳಲ್ಲಿ ಬಂದವರನ್ನು ‘ಆಸರಿಗೆ (ಬಾಯಾರಿಕೆಗೆ) ಏನು ಬೇಕು?’ ಎಂದು ಕೇಳಿ, ಚಹಾ ಬೇಡವೆಂದವರಿಗೆ ಕೊಡುವುದು ಇದೇ ಕಷಾಯ. ಅದು ಎಳೆಯರೂ ಮುದುಕರೂ ಇನ್ನೊಂದು ಲೋಟ ಕೇಳಿ ಕುಡಿಯುವಂತಿರಬೇಕು.

ನಮ್ಮ ಮನೆಯ ಅಳತೆ ಹೀಗಿದೆ. ಕೊತ್ತಂಬರಿ 100 ಗ್ರಾಂ, ಜೀರಿಗೆ 50 ಗ್ರಾಂ, ಬಡೇಸೊಪ್ಪು 25 ಗ್ರಾಂ, ಕಾಳುಮೆಣಸು 15 ಗ್ರಾಂ, ಒಣಶುಂಠಿ 10 ಗ್ರಾಂ, ಮೆಂತ್ಯ 5 ಗ್ರಾಂ, ಏಲಕ್ಕಿ ಹತ್ತು, ಜಾಯಿಕಾಯಿಯ ಕಾಲು ಭಾಗ, ಅರ್ಧ ಚಮಚ ಅರಿಶಿನ. ಲವಂಗ ಬೇಕೇ ಬೇಕೆನ್ನುವವರು ಎರಡು ಮೂರು ಹಾಕಿಕೊಳ್ಳಬಹುದು. ಅದಕ್ಕಿಂತ ಹೆಚ್ಚಾದರೆ ಕೊತ್ತಂಬರಿಯ ಪರಿಮಳ ಎಲ್ಲಿಯೂ ಕಾಣಿಸುವುದಿಲ್ಲ.

ಕಹಿಗೆ ಕಾರಣ ಸಾಮಾನ್ಯವಾಗಿ ಮೆಂತ್ಯ, ಇಲ್ಲವೇ ಸೀದ ಜೀರಿಗೆ. ನಿಮ್ಮ ಪುಡಿಯಲ್ಲಿ ಮೆಂತ್ಯ ಇಲ್ಲದ್ದರಿಂದ ಬಹುತೇಕ ಜೀರಿಗೆಯೇ ಸೀದಿರಬೇಕು. ಎಲ್ಲವನ್ನೂ ಒಟ್ಟಿಗೆ ಬಾಣಲೆಗೆ ಸುರಿದರೆ ಕೊತ್ತಂಬರಿ ಬಿಸಿಯಾಗುವ ಹೊತ್ತಿಗೆ ಜೀರಿಗೆ ಕಪ್ಪಾಗಿರುತ್ತದೆ, ಏಕೆಂದರೆ ಒಂದೊಂದು ಕಾಳಿನ ಗಾತ್ರ ಬೇರೆ, ಅದರೊಳಗಿನ ತೇವವೂ ಬೇರೆ. ಆದ್ದರಿಂದ ಒಂದೊಂದನ್ನೇ ಸಣ್ಣ ಉರಿಯಲ್ಲಿ ಹುರಿಯಬೇಕು. ಕೊತ್ತಂಬರಿಯನ್ನು ಕಬ್ಬಿಣದ ಬಾಣಲೆಯಲ್ಲಿ ಕೈಯಾಡಿಸುತ್ತಿರುವಾಗ ಮೊದಲು ಹಸಿ ಹುಲ್ಲಿನಂಥ ವಾಸನೆ ಬರುತ್ತದೆ, ಸ್ವಲ್ಪ ಹೊತ್ತಿನಲ್ಲಿ ಅದು ಕಿತ್ತಳೆ ಸಿಪ್ಪೆಯ ಪರಿಮಳಕ್ಕೆ ತಿರುಗುತ್ತದೆ, ಒಂದು ಕಾಳನ್ನು ತೆಗೆದು ಬೆರಳುಗಳ ನಡುವೆ ಒತ್ತಿದರೆ ಗರಿಗರಿಯಾಗಿ ಎರಡು ಹೋಳಾಗುತ್ತದೆ. ಬಣ್ಣ ಕೆಂಪಾಗುವವರೆಗೆ ಕಾಯಬಾರದು. ಹೋಳಾದ ಕೂಡಲೇ ಇಳಿಸಿ ತಟ್ಟೆಗೆ ಹರಡಬೇಕು, ಬಾಣಲೆಯಲ್ಲೇ ಬಿಟ್ಟರೆ ಕಬ್ಬಿಣದ ಕಾವಿಗೆ ಅದು ಮತ್ತೂ ಹುರಿಯುತ್ತಲೇ ಇರುತ್ತದೆ. ಮೆಂತ್ಯ ನಸುಗೆಂಪಾದರೆ ಸಾಕು. ಏಲಕ್ಕಿ ಮತ್ತು ಜಾಯಿಕಾಯಿಯನ್ನು ಹುರಿಯುವುದೇ ಬೇಡ, ಅವುಗಳ ಪರಿಮಳವೆಲ್ಲ ಬಿಸಿಗೆ ಹಾರಿಹೋಗುವ ಎಣ್ಣೆಯಲ್ಲಿದೆ.

ಹುರಿದದ್ದು ಪೂರ್ತಿ ಆರಿದ ಮೇಲೆ ಮಿಕ್ಸಿಗೆ ಹಾಕಿ, ನಿಲ್ಲಿಸಿ ನಿಲ್ಲಿಸಿ ತಿರುಗಿಸಿ, ಸಣ್ಣ ರವೆಯಷ್ಟು ತರಿಯಾಗಿ ಪುಡಿ ಮಾಡಿ. ಬಿಸಿ ಇರುವಾಗಲೇ ರುಬ್ಬಿ ಡಬ್ಬಿಗೆ ತುಂಬಿದರೆ ಒಳಗೆ ಹಬೆ ನೀರಾಗಿ ಪುಡಿ ಗಂಟು ಕಟ್ಟುತ್ತದೆ. ತಿಂಗಳಿಗೆ ಸಾಲುವಷ್ಟನ್ನೇ ಮಾಡಿ, ಗಾಜಿನ ಬಾಟಲಿಯಲ್ಲಿ ಬಿಗಿಯಾಗಿ ಮುಚ್ಚಿ, ಒಲೆಯಿಂದ ದೂರ ಇಡಿ. ಈಗ ಉಳಿದಿರುವ ಖಾರದ ಪುಡಿಯನ್ನು ಎಸೆಯಬೇಕಿಲ್ಲ. ಅದರ ನಾಲ್ಕು ಪಟ್ಟು ಹುರಿದ ಕೊತ್ತಂಬರಿಯನ್ನೂ ಎರಡು ಪಟ್ಟು ಜೀರಿಗೆಯನ್ನೂ ಪುಡಿ ಮಾಡಿ ಬೆರೆಸಿದರೆ ಖಾರ ಹತೋಟಿಗೆ ಬರುತ್ತದೆ. ಸೀದ ಕಹಿ ಮಾತ್ರ ಪೂರ್ತಿ ಹೋಗದು.

ಪ್ರಶ್ನೆ: ಬೆಲ್ಲ ಹಾಕಿದ ತಕ್ಷಣ ಹಾಲು ಒಡೆಯುತ್ತದೆ. ನಮ್ಮ ಅತ್ತೆಯವರು ಹಸಿಶುಂಠಿಯಿಂದ ಹೀಗಾಗುತ್ತದೆ ಎನ್ನುತ್ತಾರೆ, ನಾನು ಬೆಲ್ಲವೇ ಕಾರಣ ಎನ್ನುತ್ತೇನೆ. ಯಾರು ಸರಿ?
(ಓದುಗರೊಬ್ಬರು, ಮೈಸೂರು)

ಉತ್ತರ: ಇಬ್ಬರೂ ಸರಿ. ಬೆಲ್ಲದಲ್ಲಿ ಸ್ವಲ್ಪ ಹುಳಿಯ ಅಂಶ ಇದ್ದೇ ಇರುತ್ತದೆ. ಆಲೆಮನೆಯಲ್ಲಿ ಕಬ್ಬಿನ ಹಾಲಿಗೆ ಸುಣ್ಣ ಹಾಕುವುದು ಕಸ ತೆಗೆಯುವುದಕ್ಕೆ ಮಾತ್ರವಲ್ಲ, ಆ ಹುಳಿಯನ್ನು ತಗ್ಗಿಸುವುದಕ್ಕೂ ಹೌದು. ಮಳೆಗಾಲದ ತೇವ ಹೀರಿ ಒಳಗೇ ಹುಳಿಯುವ ಹಳೆಯ ಬೆಲ್ಲದಲ್ಲಿ ಮತ್ತು ಪಾಕದಂತೆ ತೆಳುವಾಗಿರುವ ಜೋನಿಬೆಲ್ಲದಲ್ಲಿ ಅದು ಇನ್ನಷ್ಟು ಹೆಚ್ಚು. ತಣ್ಣಗಿನ ಹಾಲು ಅಷ್ಟು ಹುಳಿಯನ್ನು ತಾಳಿಕೊಳ್ಳುತ್ತದೆ. ಕುದಿಯುವ ಹಾಲು ತಾಳಿಕೊಳ್ಳುವುದಿಲ್ಲ, ಅದರೊಳಗಿನ ಕೇಸಿನ್ ಎಂಬ ಪ್ರೋಟೀನು ಗಡ್ಡೆಗಟ್ಟಿ ನೀರು ಬೇರೆಯಾಗುತ್ತದೆ. ಹಸಿಶುಂಠಿಯ ವಿಷಯ ಬೇರೆ. ಅದರ ರಸದಲ್ಲಿ ಪ್ರೋಟೀನನ್ನು ಕತ್ತರಿಸುವ ಕಿಣ್ವವೊಂದಿದೆ, ಬಿಸಿ ಹಾಲಿಗೆ ಆ ರಸ ಬಿದ್ದರೆ ಹೆಪ್ಪು ಹಾಕಿದಂತೆ ಹಾಲು ಗಟ್ಟಿಯಾಗುತ್ತದೆ. ದಕ್ಷಿಣ ಚೀನಾದ ಜನ ಬಿಸಿ ಹಾಲನ್ನು ಶುಂಠಿ ರಸದ ಮೇಲೆ ಸುರಿದು ಮೊಸರಿನಂಥ ಸಿಹಿ ತಿಂಡಿ ಮಾಡುವುದು ಇದೇ ಗುಣವನ್ನು ನಂಬಿ. ನೀರಿನಲ್ಲಿ ಚೆನ್ನಾಗಿ ಕುದಿಸಿದರೆ ಆ ಕಿಣ್ವ ಕೆಲಸ ಕಳೆದುಕೊಳ್ಳುತ್ತದೆ.

ಹಾಗಾಗಿ ಕ್ರಮ ಬದಲಿಸಿಕೊಳ್ಳಿ. ಎರಡು ಲೋಟ ಕಷಾಯಕ್ಕೆ ಒಂದೂವರೆ ಲೋಟ ನೀರು, ಎರಡು ಚಮಚ ಪುಡಿ, ಜಜ್ಜಿದ ಶುಂಠಿ ಬೇಕಿದ್ದರೆ ಅದು, ರುಚಿಗೆ ತಕ್ಕ ಬೆಲ್ಲ ಇವನ್ನೆಲ್ಲ ಮೊದಲೇ ಒಟ್ಟಿಗೆ ಹಾಕಿ ಮುಚ್ಚಳ ಮುಚ್ಚಿ ಐದು ನಿಮಿಷ ಸಣ್ಣಗೆ ಕುದಿಸಿ. ಬೆಲ್ಲದ ಕಸ, ಮರಳು ಇದ್ದರೂ ಸೋಸುವಾಗ ಹೋಗುತ್ತದೆ. ಇನ್ನೊಂದು ಪಾತ್ರೆಯಲ್ಲಿ ಮುಕ್ಕಾಲು ಲೋಟ ಹಾಲು ಕಾಯಿಸಿಡಿ. ಒಲೆ ಆರಿಸಿ, ಎರಡೂ ಒಂದೆರಡು ನಿಮಿಷ ನಿಂತ ಮೇಲೆ ಹಾಲನ್ನು ಕಷಾಯಕ್ಕೆ ಬೆರೆಸಿ, ಆಮೇಲೆ ಮತ್ತೆ ಒಲೆಗೆ ಇಡಬೇಡಿ. ಪದೇ ಪದೇ ಕುದಿಸಿ ‘ಗಟ್ಟಿ’ ಮಾಡುವ ಅಭ್ಯಾಸವೇ ಹೆಚ್ಚಿನ ಮನೆಗಳಲ್ಲಿ ಹಾಲು ಒಡೆಯಲು ಕಾರಣ. ನಿಂಬೆರಸ ಹಾಕುವ ಮನಸ್ಸಿದ್ದರೆ ಹಾಲಿಲ್ಲದ ಕಷಾಯಕ್ಕೆ ಮಾತ್ರ ಹಾಕಿ.

ಪ್ರಶ್ನೆ: ಆಯುರ್ವೇದದಲ್ಲಿ ‘ಕಷಾಯ’ ಎಂದರೆ ಒಗರು ರುಚಿ ಎಂದು ಓದಿದ್ದೇನೆ. ನಾವು ಕುಡಿಯುವುದು ಸಿಹಿಯಾಗಿದೆಯಲ್ಲ?
(ಓದುಗರೊಬ್ಬರು, ತುಮಕೂರು)

ಉತ್ತರ: ಸಿಹಿ, ಹುಳಿ, ಉಪ್ಪು, ಖಾರ, ಕಹಿ, ಒಗರು ಎಂಬ ಆರು ರಸಗಳಲ್ಲಿ ಕೊನೆಯದಕ್ಕೆ ಸಂಸ್ಕೃತದಲ್ಲಿ ಕಷಾಯವೆಂದೇ ಹೆಸರು. ಔಷಧಿಯನ್ನು ನೀರಿನಲ್ಲಿ ಕುದಿಸಿ ಇಳಿಸಿದ ರಸಕ್ಕೂ ಅದೇ ಹೆಸರಿದೆ. ಶಾರ್ಙ್ಗಧರ ಸಂಹಿತೆ ಹೇಳುವ ಕ್ವಾಥದ ಅಳತೆಯಲ್ಲಿ ಔಷಧಿಯ 16 ಪಟ್ಟು ನೀರು ಹಾಕಿ, ಎಂಟನೆಯ ಒಂದು ಭಾಗ ಉಳಿಯುವವರೆಗೆ ಬತ್ತಿಸಬೇಕು. ಅದು ರೋಗಿಗೆ ವೈದ್ಯರು ಕೊಡುವ ಮದ್ದು. ಐದು ನಿಮಿಷ ಕುದಿಸಿ ಹಾಲು ಬೆಲ್ಲ ಸೇರಿಸುವ ನಮ್ಮ ಕಷಾಯ ಆ ಹೆಸರನ್ನು ಮಾತ್ರ ಪಡೆದ ಮನೆಯ ಪಾನೀಯ. ಹೆಸರು ಒಂದೇ ಆದದ್ದರಿಂದಲೇ ಇದನ್ನೂ ಬತ್ತಿಸಿ ಕಡುವಾಗಿ ಕುಡಿಯಬೇಕೆಂಬ ತಪ್ಪು ತಿಳಿವಳಿಕೆ ಬಂದಿರಬೇಕು.

ಪ್ರಶ್ನೆ: ಇಲ್ಲಿ ಹಿಮ ಬೀಳತೊಡಗಿದೆ. ಊರಿನ ಅಳತೆಯಲ್ಲೇ ಪುಡಿ ಮಾಡಿದರೂ ಊರಿನ ಪರಿಮಳ ಬರುತ್ತಿಲ್ಲ.
(ಕನ್ನಡಿಗರೊಬ್ಬರು, ಟೊರಾಂಟೊ)

ಉತ್ತರ: ಕೊತ್ತಂಬರಿಯ ಕಾಳನ್ನು ಅಂಗೈಯಲ್ಲಿ ಹಾಕಿ ನೋಡಿ. ಅಲ್ಲಿನ ದೊಡ್ಡ ಅಂಗಡಿಗಳಲ್ಲಿ ಸಿಗುವುದು ಹೆಚ್ಚಾಗಿ ದುಂಡಗಿನ, ಕಂದು ಬಣ್ಣದ ಬೇರೊಂದು ತಳಿ. ನಮ್ಮದು ಮೊಟ್ಟೆಯ ಆಕಾರದ, ಹಸಿರು ಮಿಶ್ರಿತ ಹಳದಿ ಕಾಳು. ಅದರ ಪರಿಮಳ ಇನ್ನಷ್ಟು ನಿಂಬೆ ಕಿತ್ತಳೆಯ ಕಡೆಗಿದೆ. ಭಾರತೀಯರ ಅಂಗಡಿಯಿಂದಲೇ ತನ್ನಿ. ಜೀರಿಗೆಯಂತೆಯೇ ಕಾಣುವ, ನಸು ಬಾಗಿದ, ಕಪ್ಪಗಿನ ಕ್ಯಾರವೇ ಕಾಳನ್ನು ಜೀರಿಗೆಯೆಂದು ತಂದವರೂ ಇದ್ದಾರೆ, ಅದರ ರುಚಿ ಬೇರೆಯೇ.

ಪ್ರಶ್ನೆ: ನಮ್ಮ ತಾಯಿಯವರಿಗೆ 70 ವರ್ಷ. ರಕ್ತದೊತ್ತಡಕ್ಕೆ ಮಾತ್ರೆ ತೆಗೆದುಕೊಳ್ಳುತ್ತಾರೆ. ಕೆಮ್ಮಿಗೆಂದು ಕಷಾಯಕ್ಕೆ ಜ್ಯೇಷ್ಠಮಧು (ಅತಿಮಧುರ) ಸೇರಿಸಿ ದಿನಕ್ಕೆ ಮೂರು ಸಲ ಕುಡಿಯುತ್ತಿದ್ದಾರೆ. ತೊಂದರೆ ಇದೆಯೇ?
(ಓದುಗರೊಬ್ಬರು, ಬೆಂಗಳೂರು)

ಉತ್ತರ: ಜ್ಯೇಷ್ಠಮಧುವನ್ನು ಇವತ್ತೇ ನಿಲ್ಲಿಸಿ, ಇಷ್ಟು ದಿನ ಕುಡಿದದ್ದನ್ನು ವೈದ್ಯರಿಗೆ ತಿಳಿಸಿ. ಆ ಬೇರಿಗೆ ಸಿಹಿ ಕೊಡುವ ಅಂಶವೇ ದೇಹದಲ್ಲಿ ಸೋಡಿಯಂ ಉಳಿಸಿ, ಪೊಟ್ಯಾಸಿಯಂ ಕಳೆದು ರಕ್ತದೊತ್ತಡವನ್ನು ಏರಿಸಬಲ್ಲದು. ಮೂತ್ರ ಹೆಚ್ಚಿಸುವ ಮಾತ್ರೆಯೂ ಇದ್ದರೆ ಪೊಟ್ಯಾಸಿಯಂ ಇನ್ನಷ್ಟು ಇಳಿಯುತ್ತದೆ. ಮೇಲೆ ಹೇಳಿದ ಸಾದಾ ಕಷಾಯ ದಿನಕ್ಕೆ ಒಂದು ಲೋಟ ಕುಡಿಯುವುದು ಬೇರೆ ಮಾತು, ಅದರಲ್ಲಿ ಬೀಳುವ ಮೆಣಸು ಹೆಚ್ಚೆಂದರೆ ಕಾಲು ಗ್ರಾಂ. ಆದರೂ ಮೆಣಸನ್ನು ಹಗುರವಾಗಿ ಎಣಿಸಬಾರದು. ಬೆಂಗಳೂರಿನ ಸೇಂಟ್ ಜಾನ್ಸ್ ವೈದ್ಯಕೀಯ ಕಾಲೇಜಿನ ಸಂಶೋಧಕರು 1998ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, 2 ಗ್ರಾಂ ಕರ್ಕ್ಯುಮಿನ್ ಜೊತೆ ಮೆಣಸಿನ ಪೈಪರಿನ್ ಅಂಶವನ್ನು ಕೇವಲ 20 ಮಿಲಿಗ್ರಾಂ ಕೊಟ್ಟಾಗ, ಅರಿಶಿನದ ಆ ಅಂಶ ಮನುಷ್ಯರ ದೇಹಕ್ಕೆ ದಕ್ಕುವುದು ಶೇಕಡ 2000ರಷ್ಟು ಹೆಚ್ಚಿತು. ಅರಿಶಿನಕ್ಕೆ ಮೆಣಸು ಸೇರಿಸಿ ಎಂದು ಹೇಳುವವರೆಲ್ಲ ಇದನ್ನೇ ಆಧಾರವಾಗಿ ಕೊಡುತ್ತಾರೆ. ಆದರೆ ಅದೇ ಗುಣ ಕೆಲವು ಮಾತ್ರೆಗಳ ಅಂಶವನ್ನೂ ರಕ್ತದಲ್ಲಿ ಹೆಚ್ಚಿಸಬಲ್ಲದು ಎಂಬುದನ್ನು ಮರೆಯುತ್ತಾರೆ. ದಿನವೂ ಮಾತ್ರೆ ನುಂಗುವವರು ಕಡು ಕಷಾಯ ಕುಡಿಯುವ ಮೊದಲು ವೈದ್ಯರನ್ನು ಕೇಳಬೇಕು ಎನ್ನುವುದು ಇದಕ್ಕಾಗಿಯೇ. ಸಕ್ಕರೆ ಕಾಯಿಲೆಯೂ ಇದ್ದರೆ ಬೆಲ್ಲ ಬೇಡ. ಬೆಲ್ಲವೂ ಬಹುಪಾಲು ಸಕ್ಕರೆಯೇ. ಮನೆಯಲ್ಲಿ ವರ್ಷ ತುಂಬದ ಕೂಸಿದ್ದರೆ, ಕೆಮ್ಮಿಗೆಂದು ಜೇನುತುಪ್ಪವನ್ನು ನೆಕ್ಕಿಸಲೇಬೇಡಿ.

ಪ್ರಶ್ನೆ: ನಮ್ಮೂರಿನಲ್ಲಿ ರಾತ್ರಿಯಿಡೀ ಯಕ್ಷಗಾನವಿದೆ. ನೂರು ಜನರಿಗೆ ಕಷಾಯ ಮಾಡುವ ಹೊಣೆ ನಮ್ಮ ಸಂಘಕ್ಕೆ ಬಂದಿದೆ. ಅಳತೆ ತಿಳಿಸಿ.
(ಓದುಗರೊಬ್ಬರು, ಸಿದ್ದಾಪುರ)

ಉತ್ತರ: ಕೇಳಿ ಸಂತೋಷವಾಯಿತು. ಅಡಿಕೆ ಕೊಯ್ಲಿನ ದಿನಗಳಲ್ಲಿ ರಾತ್ರಿ ಮೆಟ್ಟುಗತ್ತಿಯ ಮುಂದೆ ಸಾಲಾಗಿ ಕುಳಿತು ಅಡಿಕೆ ಸುಲಿಯುವವರಿಗೆ ನಮ್ಮ ಅಮ್ಮ ಹಂಡೆಯಲ್ಲಿ ಮಾಡುತ್ತಿದ್ದ ಕ್ರಮವನ್ನೇ ಹೇಳುತ್ತೇನೆ. ಒಬ್ಬರಿಗೆ 120 ಮಿಲಿಲೀಟರಿನಂತೆ ಹಿಡಿದು, 8 ಲೀಟರ್ ನೀರು, 5 ಲೀಟರ್ ಹಾಲು, ಒಂದು ಕಿಲೋ ಬೆಲ್ಲ, 200 ಗ್ರಾಂ ಪುಡಿ ಸಾಕಾಗುತ್ತದೆ. ನೂರು ಲೋಟಕ್ಕೆ ನೂರು ಚಮಚ ಪುಡಿ ಹಾಕಬೇಡಿ. ದೊಡ್ಡ ಪಾತ್ರೆ ಬೇಗ ಆರದೆ ಪುಡಿ ನೆನೆಯುತ್ತಲೇ ಇರುವುದರಿಂದ ರಸ ಹೆಚ್ಚು ಬಿಡುತ್ತದೆ. ಪುಡಿಯನ್ನು ತೆಳು ಬಟ್ಟೆಯಲ್ಲಿ ಸಡಿಲವಾಗಿ ಗಂಟು ಕಟ್ಟಿ, ಬೆಲ್ಲ ಕರಗಿಸಿ ಸೋಸಿದ ನೀರಿಗೆ ಇಳಿಬಿಟ್ಟು, ಹದಿನೈದು ನಿಮಿಷ ಸಣ್ಣಗೆ ಕುದಿಸಿ ಗಂಟನ್ನು ತೆಗೆದುಬಿಡಿ. ಹಾಲನ್ನು ಬೇರೆಯೇ ಕಾಯಿಸಿ ಮುಚ್ಚಿಡಿ. ರಾತ್ರಿಯಿಡೀ ಬಡಿಸಬೇಕಾದದ್ದರಿಂದ ಒಮ್ಮೆಗೇ ಎಲ್ಲ ಬೆರೆಸಬಾರದು. ಪ್ರತಿ ಸಲ ಕೆಟಲಿನಲ್ಲಿ ಮೂರು ಸೌಟು ಕಷಾಯಕ್ಕೆ ಎರಡು ಸೌಟು ಹಾಲಿನಂತೆ ಬೆರೆಸಿ ತೆಗೆದುಕೊಂಡು ಹೋಗಿ. ಚೌಕಿಮನೆಯಲ್ಲಿ ಬಣ್ಣ ಹಚ್ಚಿ ಕುಳಿತ ಕಲಾವಿದರಿಗೆ ಮೊದಲ ಕೆಟಲು ತಲುಪಲಿ, ಹಾಡುವ ಭಾಗವತರಿಗೆ ಹಾಲು ಹಾಕದ ಕಷಾಯ ಬೇಕೇ ಎಂದು ಕೇಳಿ ಕೊಡಿ.